ಬಂಡೆ ಮರೆಯ ಮನೆ, ಒಂದೇ ದೀಪ: ಸ್ಟಾಪ್ ಮೋಷನ್ ಸೆಟ್ ಕಟ್ಟಿದ ಬಗೆ

ಚಿಂತಾಮಣಿ ಕಡೆಯ ಅಂಬಾಜಿದುರ್ಗ, ಕೈಲಾಸಗಿರಿಗಳ ಬಂಡೆ ಕಂಡವರಿಗೆ ಈ ಸೆಟ್ಟಿನ ಮಾದರಿ ಬಿಡಿಸಿ ಹೇಳಬೇಕಿಲ್ಲ. ಬೆಟ್ಟದ ಬುಡ, ಬಂಡೆಗೆ ಬೆನ್ನು ಕೊಟ್ಟ ನಾಡಹೆಂಚಿನ ಮನೆ, ಒಳಗೆ ಅಜ್ಜಿ ಮತ್ತು ಮೊಮ್ಮಗ, ಹೊರಗೆ ಬಿಡದ ಮಳೆ. ಚಿತ್ರ ನಾಲ್ಕು ನಿಮಿಷದ್ದು, ಸ್ಟಾಪ್ ಮೋಷನ್ ಬಗೆಯದು: ಗೊಂಬೆಯನ್ನು ಇಷ್ಟಿಷ್ಟೇ ಸರಿಸಿ, ಒಂದೊಂದೇ ಫೋಟೊ (ಫ್ರೇಮು) ತೆಗೆದು ಜೋಡಿಸುವುದು. ಸೆಕೆಂಡಿಗೆ 12 ಫ್ರೇಮಿನಂತೆ ಒಟ್ಟು 2,880 ಫ್ರೇಮು, ಎಲ್ಲ ಒಂದೇ ಮೇಜಿನ ಮೇಲೆ.

ಬೆಚ್ಚಗಿನ ಮನೆ ಬೇಕು ಅಂದ ಕೂಡಲೇ ಒಳಗೆ ಸಾಮಾನು ಪೇರಿಸಿ ಹಳದಿ ಬೆಳಕು ಸುರಿಯುವುದು ರೂಢಿ. ಹಾಗೆ ಮಾಡಿದರೆ ಅದು ದಸರಾ ಗೊಂಬೆಯ ಹಂತವಾಗುತ್ತದೆ, ಮನೆಯಾಗುವುದಿಲ್ಲ. ನೋಡುವವರಿಗೆ ಹೊರಗಿನ ಚಳಿ ಮೊದಲು ತಾಕಬೇಕು, ಆಮೇಲೆ ಗೋಡೆಯ ದಪ್ಪ ಕಾಣಬೇಕು. ಪಾತ್ರೆಪಗಡ ಕಡೆಗೆ ಬರಲಿ.

ಅಳತೆ 1:6. ಐದಡಿಯ ಅಜ್ಜಿ 25 ಸೆಂಟಿಮೀಟರ್ ಗೊಂಬೆಯಾಗುತ್ತಾಳೆ. 1:12 ಇಟ್ಟುಕೊಂಡರೆ ಮೇಜಿನ ಜಾಗ ಉಳಿಯುತ್ತದೆ ನಿಜ, ಆದರೆ ಗೋಲಿಯಷ್ಟಿರಬೇಕಾದ ಮುದ್ದೆ ಕಡಲೆಕಾಳಾಗಿಬಿಡುತ್ತದೆ. ಅದನ್ನು ಮುರಿದು ಸಾರಿಗೆ ಅದ್ದುವ ದೃಶ್ಯ ಮರೆತುಬಿಡಬೇಕು. ಮನೆ 83 ಸೆಂ.ಮೀ. ಉದ್ದ, 67 ಸೆಂ.ಮೀ. ಅಗಲ. ಬಾಗಿಲನ್ನು ಬೇಕೆಂದೇ 23 ಸೆಂ.ಮೀ.ಗೆ ಇಳಿಸಿದೆವು, ನಿಜದ ಲೆಕ್ಕದಲ್ಲಿ ನಾಲ್ಕೂವರೆ ಅಡಿ. ಅಜ್ಜಿ ಕೂಡ ತಲೆ ಬಗ್ಗಿಸಿಯೇ ಒಳಗೆ ಬರಬೇಕು. ಆ ಬಗ್ಗುವಿಕೆಗೆ 20 ಫ್ರೇಮು ಕೊಟ್ಟೆವು. 10ರಲ್ಲಿ ಮುಗಿಸಿದ ಪ್ರಯತ್ನದಲ್ಲಿ ಅಜ್ಜಿ ತಲೆ ಬಡಿಸಿಕೊಂಡಂತೆ ಕಂಡಿತು. ಹೊಸ್ತಿಲ ನಡುಭಾಗವನ್ನು ಒಂದು ಮಿಲಿಮೀಟರ್ ಉಜ್ಜಿ ಸವೆಸಿದ್ದೇವೆ. ಅಷ್ಟಕ್ಕೇ ಮನೆಗೆ ಐವತ್ತು ವರ್ಷ ವಯಸ್ಸು ಬಂತು.

ಗೋಡೆ ಒಂದೂವರೆ ಅಡಿ ದಪ್ಪದ್ದು, ಅಂದರೆ ಸೆಟ್ಟಿನಲ್ಲಿ 7.5 ಸೆಂ.ಮೀ. 5 ಮಿಲಿಮೀಟರಿನ ಎರಡು ಸನ್‌ಬೋರ್ಡ್ (ಹಗುರ ಫೋಮ್) ಹಾಳೆಗಳ ನಡುವೆ 6.5 ಸೆಂ.ಮೀ.ನ ಅಡ್ಡಪಟ್ಟಿ ಕೊಟ್ಟು ಟೊಳ್ಳಾಗಿಯೇ ಬಿಟ್ಟರೆ ವೈರುಗಳೆಲ್ಲ ಅದರೊಳಗೆ ಮರೆಯಾಗುತ್ತವೆ. ಈ ದಪ್ಪ ಕಾಣುವುದು ಕಿಟಕಿಯ ಒಳಅಂಚಿನಲ್ಲಿ ಮತ್ತು ದೀಪದ ಗೂಡಿನಲ್ಲಿ ಮಾತ್ರ. ಆ ಎರಡು ಕಡೆ ಮೋಸ ಮಾಡಿದರೆ ಮನೆ ರಟ್ಟಿನ ಡಬ್ಬಿ. ಮೆತ್ತುವುದಕ್ಕೆ ಟೀ ಸೋಸುವ ಜಾಲರಿಯಲ್ಲಿ ಒಮ್ಮೆ, ತೆಳು ಪಂಚೆಯಲ್ಲಿ ಇನ್ನೊಮ್ಮೆ ಜಾಲಿಸಿದ ಕೆಮ್ಮಣ್ಣು ಮೂರು ಪಾಲು, ನುಣುಪಾದ ಮರದ ಹೊಟ್ಟು ಒಂದು ಪಾಲು. ಕಲಸಲು ಬಿಳಿ ಗೋಂದು ಮತ್ತು ನೀರು ಸಮಸಮ. ಒಂದು ಕೋಟು 2 ಮಿಲಿಮೀಟರ್ ಮೀರಬಾರದು, ಮೊದಲನೆಯದು ಇಡೀ ಒಂದು ದಿನ ಒಣಗಬೇಕು. ದಪ್ಪಗೆ ಮೆತ್ತಿದರೆ ಬಿರುಕು ಬಿಡುತ್ತದೆ. ಇಲ್ಲಿ ಒಂದು ಮಿಲಿಮೀಟರ್ ಬಿರುಕು ಪರದೆಯಲ್ಲಿ ಆರು ಮಿಲಿಮೀಟರ್ ಬಿರುಕು. ಗೋಡೆ ಬೇಸಿಗೆಯ ಕೆರೆಯಂಗಳದಂತೆ ಕಾಣುತ್ತದೆ. ಇನ್ನೊಂದು: ಹಾಳೆಯ ಒಂದೇ ಬದಿಗೆ ಮೆತ್ತಿದರೆ ಒಣಗುವಾಗ ಮಣ್ಣು ಎಳೆದು ಹಾಳೆ ಬಿಲ್ಲಿನಂತೆ ಬಾಗುತ್ತದೆ. ಕಾಣದ ಬದಿಗೂ ಬರೀ ಗೋಂದು ನೀರು ಬಳಿಯಬೇಕು.

ಬಂಡೆಯನ್ನು ಥರ್ಮೋಕೋಲ್ ಪದರಗಳನ್ನು ಅಂಟಿಸಿ, ಕಾದ ತಂತಿಯಲ್ಲಿ ಕೆತ್ತಿ ಮಾಡಿದ್ದು. ಮೇಲೆ ಟಿಶ್ಯೂ ಕಾಗದ ಮತ್ತು ಗೋಂದಿನ ಚರ್ಮ, ಅದರ ಮೇಲೆ ಜರಡಿ ಹಿಡಿದ ಮರಳು. ಚಪ್ಪಲಿ ಅಂಟಿಸುವ ಸಲ್ಯೂಷನ್, ಸ್ಪ್ರೇ ಪೇಂಟ್ ಎರಡೂ ಥರ್ಮೋಕೋಲನ್ನು ತಿಂದುಹಾಕುತ್ತವೆ. ನೀರಿನಲ್ಲಿ ಕರಗುವ ಬಣ್ಣವೇ ಆಗಬೇಕು. ಬೂದು ಬಣ್ಣ ಬಳಿದರೆ ಬಂಡೆ ಆಗುವುದಿಲ್ಲ, ಸಿಮೆಂಟು ಗೋಡೆ ಆಗುತ್ತದೆ. ನಮ್ಮ ಸೀಮೆಯ ಗ್ರಾನೈಟಿನಲ್ಲಿ ಮಳೆನೀರು ಇಳಿಯುವ ಜಾಡಿನಲ್ಲೆಲ್ಲ ಕಪ್ಪು ಪಟ್ಟೆ ಇರುತ್ತದೆ. ತೆಳುವಾದ ಕಪ್ಪನ್ನು ಬಂಡೆಯ ನೆತ್ತಿಯಲ್ಲಿ ತೊಟ್ಟಿಕ್ಕಿಸಿ, ಅದರ ಪಾಡಿಗೆ ಇಳಿಯಲು ಬಿಟ್ಟೆವು. ಬ್ರಷ್ಷಿನಲ್ಲಿ ಎಳೆದ ಪಟ್ಟೆ ಹುಲಿವೇಷದ ಹಾಗೆ ಕಂಡಿತ್ತು. ಬಂಡೆಯ ಹಣೆ ಸೂರಿನ ಮೇಲೆ 12 ಸೆಂ.ಮೀ. ಚಾಚಿದೆ. ಈ ಚಾಚು ಹೆಚ್ಚಾದರೆ ಬಂಡೆ ಮನೆ ಮೇಲೆ ಬೀಳುವಂತಿರುತ್ತದೆ, ಕಡಿಮೆಯಾದರೆ ಆಸರೆ ಅನ್ನಿಸುವುದಿಲ್ಲ. ರಟ್ಟು ಇಟ್ಟು ನೋಡಿ ನೋಡಿ ಸಿಕ್ಕ ಅಳತೆ ಅದು.

ಹೆಂಚು: ದಪ್ಪ ಡ್ರಾಯಿಂಗ್ ಹಾಳೆಗೆ ಅದೇ ಕೆಮ್ಮಣ್ಣಿನ ಗೋಂದು ಬಳಿದು, ಒದ್ದೆ ಇರುವಾಗಲೇ ಮಾರ್ಕರ್ ಪೆನ್ನಿನ ಮೇಲೆ ಬಗ್ಗಿಸಿ 3 ಸೆಂ.ಮೀ. ತುಂಡು ಮಾಡಿದ್ದು. ಕ್ಯಾಮೆರಾಕ್ಕೆ ಕಾಣುವ ಇಳಿಜಾರಿಗೆ ಸುಮಾರು 1,200 ಬೇಕಾದವು. ಕವುಚಿದ ಹೆಂಚಿನ ಕೆಳಗೆ ಅಂಗಾತ ಹೆಂಚು ಇರಬೇಕಲ್ಲ, ಅದನ್ನು ಸೂರಿನ ಕೊನೆಯ ಎರಡು ಸಾಲಿಗೆ ಮಾತ್ರ ಇಟ್ಟೆವು. ಮೇಲಿನದು ಯಾರಿಗೂ ಕಾಣದು.

ಇನ್ನು ಬೆಳಕು. ಸಮಯದ ಅರ್ಧ ಹೋಗುವುದು ಇಲ್ಲೇ, ಹೋಗಬೇಕಾದ್ದೂ ಇಲ್ಲೇ. ಒಳಗೆ ಕಣ್ಣಿಗೆ ಕಾಣುವ ಬೆಳಕು ಎರಡೇ: ಗೂಡಿನ ಹಣತೆ, ಒಲೆ. ಹಣತೆಗೆ 3 ಮಿಲಿಮೀಟರಿನ ಕಿತ್ತಳೆ ಎಲ್‌ಇಡಿ, ಒಂದು ಕಿಲೋ ಓಮ್ ರೆಸಿಸ್ಟರ್, ತುದಿಯಲ್ಲಿ ಕುಡಿಯ ಆಕಾರ ಬರುವಂತೆ ಎಳೆದ ಗ್ಲೂ ಗನ್ನಿನ ಒಂದು ಹನಿ. ಒಲೆಗೆ ಕಿತ್ತಳೆ ಒಂದು, ಕೆಂಪು ಒಂದು, ಎರಡಕ್ಕೂ ಬೇರೆ ಬೇರೆ ತಿರುಗಣೆ. ತಿರುಗಣೆಯ ಸುತ್ತ ಪೆನ್ಸಿಲ್ಲಿನಲ್ಲಿ 1ರಿಂದ 5ರವರೆಗೆ ಗುರುತು. ಪ್ರತಿ ಫ್ರೇಮಿಗೂ ಮನಸ್ಸಿಗೆ ಬಂದಂತೆ ತಿರುಗಿಸಿದರೆ ಬೆಂಕಿ ಆಗುವುದಿಲ್ಲ, ಲೂಸ್ ಕನೆಕ್ಷನ್ ಆಗುತ್ತದೆ. ಮೂರು ಫ್ರೇಮು 4ರಲ್ಲಿ ನಿಲ್ಲಿಸಿ, ಒಂದು ಫ್ರೇಮು 3ಕ್ಕೆ ಇಳಿಸಿ, ಎರಡು ಫ್ರೇಮು 5ರಲ್ಲಿಟ್ಟು ಮತ್ತೆ 4. ಕೆಂಪನ್ನು ಒಂದು ಫ್ರೇಮು ತಡವಾಗಿ ಹಿಂಬಾಲಿಸಲು ಬಿಡಿ. ಈ ಎರಡಕ್ಕೂ ನೆರವಾಗಿ ಅಟ್ಟದ ಮರೆಯಲ್ಲಿ 2700 ಕೆಲ್ವಿನ್ (ಬೆಳಕಿನ ಬಣ್ಣದ ಅಳತೆ, ಕಡಿಮೆಯಾದಷ್ಟೂ ಹಳದಿ, ಹೆಚ್ಚಾದಷ್ಟೂ ನೀಲಿ) ಎಲ್‌ಇಡಿ ಪಟ್ಟಿಯ ಒಂದು ತುಂಡು ಇದೆ, ಅದು ಫ್ರೇಮಿನಲ್ಲಿ ಬರಬಾರದು.

ಹೊರಗಿನದು 5600 ಕೆಲ್ವಿನ್. ಕ್ಯಾಮೆರಾದ ವೈಟ್ ಬ್ಯಾಲೆನ್ಸನ್ನು (ಯಾವ ಬೆಳಕನ್ನು ಬಿಳಿ ಎಂದು ಎಣಿಸಬೇಕೆಂಬ ಗುರುತು) 3800ಕ್ಕೆ ಕಟ್ಟಿಹಾಕಿದರೆ ಒಳಗಿನದು ಬೆಲ್ಲದ ಬಣ್ಣಕ್ಕೆ, ಹೊರಗಿನದು ನೀಲಿಗೆ ತಾವಾಗಿ ತಿರುಗುತ್ತವೆ. ಬಣ್ಣದ ಹಾಳೆ ಬೇಡ. ಒಳಗಿನ ಬೆಳಕು ಹೊರಗಿನದಕ್ಕಿಂತ ಎರಡು ಸ್ಟಾಪ್ ಹೆಚ್ಚು, ಅಂದರೆ ನಾಲ್ಕು ಪಟ್ಟು. ಮೂರು ಸ್ಟಾಪ್ ಆದರೆ ಬಾಗಿಲು ಬಿಳಿ ಚೌಕವಾಗಿ ಸುಟ್ಟುಹೋಗುತ್ತದೆ. ಐಎಸ್‌ಒ 100, ಎಫ್ 11, ಷಟರ್ ಒಂದರಿಂದ ಎರಡು ಸೆಕೆಂಡ್. ಅಪರ್ಚರ್ (ಲೆನ್ಸಿನ ಕಿಂಡಿ, ಎಫ್ ಸಂಖ್ಯೆ ಅದರ ಅಳತೆ) ದೊಡ್ಡದು ಮಾಡಿದರೆ ಹಿನ್ನೆಲೆಯೆಲ್ಲ ಮಸುಕಾಗಿ ಇದು ಆಟಿಕೆ ಎಂದು ತಕ್ಷಣ ಗೊತ್ತಾಗಿಬಿಡುತ್ತದೆ. ಲೆನ್ಸ್ ಹಳೆಯ ಮ್ಯಾನ್ಯುಯಲ್ ಬಗೆಯದಿರಲಿ. ಹೊಸ ಲೆನ್ಸುಗಳಲ್ಲಿ ಪ್ರತಿ ಸಲ ಅಪರ್ಚರ್ ಮುಚ್ಚುವಾಗ ಕೂದಲೆಳೆ ವ್ಯತ್ಯಾಸವಾಗುತ್ತದೆ, ಓಡಿಸಿ ನೋಡಿದರೆ ಇಡೀ ಚಿತ್ರ ಮಿಣಮಿಣ ಅನ್ನುತ್ತದೆ.

ಮಿಣುಕಿಗೆ ಇನ್ನೊಂದು ಕಾರಣ ಕರೆಂಟು. ಊರಲ್ಲಿ ತ್ರೀಫೇಸ್ ಬಂದು ಬೋರ್‌ವೆಲ್ ಮೋಟರುಗಳು ಶುರುವಾದವೆಂದರೆ ವೋಲ್ಟೇಜ್ ಕುಸಿಯುತ್ತದೆ. ಸೆಟ್ಟಿನ ದೀಪಗಳಿಗೆಲ್ಲ 12 ವೋಲ್ಟ್, 7 ಆಂಪಿಯರ್ ಅವರ್ ಬ್ಯಾಟರಿ ಕೊಟ್ಟೆವು. ನೇರವಾಗಿ ಕೊಟ್ಟರೆ ಬ್ಯಾಟರಿ ಇಳಿಯುತ್ತಾ ಹೋದಂತೆ ದೀಪವೂ ಮಂಕಾಗುತ್ತದೆ. ನಡುವೆ ಒಂದು ಬಕ್ ಕನ್ವರ್ಟರ್ (ವೋಲ್ಟೇಜನ್ನು ಇಳಿಸಿ ಒಂದೇ ಮಟ್ಟದಲ್ಲಿಡುವ ಪುಟ್ಟ ಸರ್ಕ್ಯೂಟ್) ಹಾಕಿ 10.5 ವೋಲ್ಟಿಗೆ ನಿಲ್ಲಿಸಬೇಕು. ಒಟ್ಟು 600 ಮಿಲಿಆಂಪ್ ಬಳಕೆಗೆ ಐದು ಗಂಟೆ ಧೈರ್ಯವಾಗಿ ಕೆಲಸ ಮಾಡಬಹುದು. ಶೂಟಿಂಗ್ ರಾತ್ರಿಯೇ, ಕಿಟಕಿಗೆ ಕಪ್ಪು ಕಂಬಳಿ, ಗೊಂಬೆ ಆಡಿಸುವವರಿಗೆ ಕಪ್ಪು ಅಂಗಿ. ಬಿಳಿ ಅಂಗಿಯ ಪ್ರತಿಫಲನ ಗೋಡೆಯ ಮೇಲೆ ಫ್ರೇಮಿಗೊಂದರಂತೆ ಓಡಾಡುತ್ತದೆ.

ಮಳೆಯ ಗೆರೆಗಳನ್ನು ಆಮೇಲೆ ಕಂಪ್ಯೂಟರಿನಲ್ಲಿ ಸೇರಿಸಿದೆವು. ಸೂರಿನಿಂದ ಬೀಳುವ ಹನಿಗಳು ಮಾತ್ರ ಕೈಯಲ್ಲೇ ಮಾಡಿದವು. ಮೀನು ಹಿಡಿಯುವ ತೆಳು ನೈಲಾನ್ ದಾರ, ಅದರ ಮೇಲೆ ಜಾರುವ ಸಣ್ಣ ಗಾಜಿನ ಮಣಿ. ಸೂರಿನ ಎತ್ತರ 30 ಸೆಂ.ಮೀ., ನಿಜದಲ್ಲಿ 1.8 ಮೀಟರ್. ಅಷ್ಟೆತ್ತರದಿಂದ ಬೀಳಲು ಹನಿಗೆ 0.6 ಸೆಕೆಂಡ್ ಸಾಕು, ಅಂದರೆ ಏಳು ಫ್ರೇಮು. ಬೀಳುವ ವಸ್ತು ಸಮಸಮ ಹೊತ್ತಿನಲ್ಲಿ ಕ್ರಮಿಸುವ ದೂರ 1, 3, 5, 7, 9, 11, 13ರ ಪ್ರಮಾಣದಲ್ಲಿ ಬೆಳೆಯುತ್ತದೆ. ಒಟ್ಟು 49 ಪಾಲು. 30 ಸೆಂ.ಮೀ.ಯನ್ನು ಹಾಗೆ ಹಂಚಿದರೆ ಮಣಿಯನ್ನು ಕ್ರಮವಾಗಿ 0.6, 1.8, 3.1, 4.3, 5.5, 6.7, 8 ಸೆಂ.ಮೀ. ಇಳಿಸಬೇಕು. ಈ ಗುರುತುಗಳನ್ನು ಒಂದು ಐಸ್‌ಕ್ರೀಮ್ ಕಡ್ಡಿಯ ಮೇಲೆ ಗೀಚಿಕೊಂಡು ದಾರದ ಪಕ್ಕ ಹಿಡಿದು ಸರಿಸಿದರಾಯಿತು. ಸಮ ಅಂತರದಲ್ಲಿ ಇಳಿಸಿದ್ದು ಹನಿ ಅಲ್ಲ, ಜಪಸರ. ಹತ್ತು ದಾರಗಳಲ್ಲಿ ಒಟ್ಟಿಗೆ ಬೀಳಿಸಬೇಡಿ. ಮಳೆ ನಿಂತ ಮೇಲೆ ಎರಡೇ ದಾರ ಸಾಕು.

ಗಿಡಮರಕ್ಕೆ ಒಣಗಿದ ತುಳಸಿ ಕಡ್ಡಿ. ಎಲೆಗೆ ಹುಣಸೆಯ ಪುಟ್ಟ ಎಲೆ, ಈ ಅಳತೆಗೆ ಹೊಂಗೆ ಎಲೆಯಷ್ಟಾಗುತ್ತದೆ. ಹಸಿ ಎಲೆ ಇಟ್ಟರೆ ಎರಡು ಗಂಟೆಯಲ್ಲಿ ಬಾಡುತ್ತದೆ, ಪರದೆಯ ಮೇಲೆ ಮರ ತಾನೇ ನಡುಗುತ್ತದೆ. ಒಂದು ಪಾಲು ಗ್ಲಿಸರಿನ್, ಎರಡು ಪಾಲು ನೀರಿನಲ್ಲಿ ಕೆಲವು ದಿನ ನೆನೆಹಾಕಿದರೆ ಮೆತ್ತಗೇ ಉಳಿಯುತ್ತದೆ. ಒಳಗಿನ ಸಾಮಾನು ಏಳೇ: ಒಲೆ, ಮಡಕೆ, ಮುದ್ದೆ ಕೋಲು, ಚಾಪೆ, ಕಂಬಳಿ, ಬೀಸುಕಲ್ಲು, ಗೋಡೆಗೊರಗಿಸಿದ ಒಂದು ಚಂದ್ರಿಕೆ (ರೇಷ್ಮೆಹುಳು ಗೂಡು ಕಟ್ಟುವ ಬಿದಿರಿನ ತಟ್ಟಿ). ಶಿಡ್ಲಘಟ್ಟ ಸೀಮೆಯವರು ಅದನ್ನು ಕಂಡರೆ ಉಳಿದ ಕಥೆಯನ್ನು ತಾವೇ ಹೇಳಿಕೊಳ್ಳುತ್ತಾರೆ. ಆರಡಿಗೆ ನಾಲ್ಕಡಿಯ ಚಂದ್ರಿಕೆ ಇಲ್ಲಿ 30ಕ್ಕೆ 20 ಸೆಂ.ಮೀ. ಒಲೆಯ ಮೇಲಿನ ಗೋಡೆಗೆ, ಗೂಡಿನ ನೆತ್ತಿಗೆ ದೀಪದ ಮಸಿಯನ್ನು ಒಣ ಬ್ರಷ್ಷಿನಲ್ಲಿ ಉಜ್ಜಿದ್ದು ಈ ಏಳಕ್ಕಿಂತ ಹೆಚ್ಚು ಕೆಲಸ ಮಾಡಿತು.

ಒಂಟಿ ಮನೆ ಅನ್ನಿಸಲು ದೂರದ ಷಾಟಿನಲ್ಲಿ ಮನೆಯ ಎತ್ತರ ಫ್ರೇಮಿನ ಎಂಟನೇ ಒಂದು ಪಾಲು. ಕರೆಂಟ್ ಕಂಬ ಇಲ್ಲ, ಕಾಲುದಾರಿ ಬಂಡೆ ಹಿಂದೆ ತಿರುಗಿ ಮಾಯ. ಆದರೆ ಒಲೆಯ ಹೊಗೆ, ಒಣಗಲು ಹಾಕಿ ಮರೆತ ಒಂದು ಸೀರೆ ಇರಲೇಬೇಕು, ಇಲ್ಲದಿದ್ದರೆ ಹಾಳು ಮನೆ. ಇಂಗ್ಲಿಷ್ ಭೂಗೋಳಜ್ಞ ಜೇ ಆಪಲ್ಟನ್ 1975ರಲ್ಲಿ ಹೇಳಿದ್ದು ಇಲ್ಲಿ ಕ್ಯಾಮೆರಾ ಇಡುವವರಿಗೆ ನೇರ ಉಪಯೋಗಕ್ಕೆ ಬರುತ್ತದೆ: ತಾನು ಕಾಣದೆ ಹೊರಗನ್ನು ಕಾಣಬಲ್ಲ ಜಾಗ ಮನುಷ್ಯನಿಗೆ ಹಿತ. ನಮ್ಮ ಜಗಲಿ ಮಾಡುವುದೂ ಅದನ್ನೇ, ಬೆನ್ನಿಗೆ ಗೋಡೆ, ಕಣ್ಣಿಗೆ ಕೆರೆ. ಹಾಗಾಗಿ ಕ್ಯಾಮೆರಾವನ್ನು ಒಳಗಿಟ್ಟು, ಮೊಮ್ಮಗನ ಭುಜದ ಎತ್ತರದಿಂದ ಬಾಗಿಲಾಚೆಯ ಮಳೆ ನೋಡುವ ಷಾಟುಗಳೇ ಹೆಚ್ಚು.

ಶಬ್ದವನ್ನು ಎರಡು ಪದರದಲ್ಲಿ ಕಟ್ಟಿ. ಬಾಗಿಲು ಮುಚ್ಚಿದ್ದಾಗ ಮಳೆಯ ಸದ್ದಿನಲ್ಲಿ 2,000 ಹರ್ಟ್ಸ್ ಮೇಲಿನ ತೀಕ್ಷ್ಣ ಸದ್ದನ್ನು ಕತ್ತರಿಸಿ. ಉಳಿಯುವ ಗುಂ ಅನ್ನುವ ಸದ್ದು ಗೋಡೆಯ ದಪ್ಪ ಹೇಳುತ್ತದೆ. ಸೌದೆಯ ಚಟಪಟ, ಮಡಕೆಗೆ ಕೋಲು ತಾಗುವ ಸದ್ದನ್ನು ಮೈಕ್ ಹತ್ತಿರ ಹಿಡಿದು, ಏನನ್ನೂ ಕತ್ತರಿಸದೆ ಇಟ್ಟುಕೊಳ್ಳಿ. ಬಾಗಿಲು ತೆರೆದಾಗ ಮಳೆಯ ಆ ತೀಕ್ಷ್ಣ ಸದ್ದು ಐದು ಫ್ರೇಮಿನಲ್ಲಿ ಮರಳಿ ಬರಲಿ. ಒಂದೇ ಫ್ರೇಮಿನಲ್ಲಿ ಬಂದರೆ ಟೇಪು ಅಂಟಿಸಿದ ಜಾಗ ಕೇಳಿಸುತ್ತದೆ, ಹದಿನೈದು ತೆಗೆದುಕೊಂಡರೆ ಬಾಗಿಲಿಗೂ ಮಳೆಗೂ ಸಂಬಂಧವೇ ಇಲ್ಲದಂತಾಗುತ್ತದೆ.