ಚೌಕಿಯಲ್ಲಿ ಸಹಿ ಕೇಳುವ ಹೊತ್ತು

ಆಟೋಗ್ರಾಫ್ ಕೂಡಿಡುತ್ತೇನೆ ಎಂದರೆ ಕಾಸರಗೋಡಿನಲ್ಲಿ ಮೊದಲು ಬರುವ ಪ್ರಶ್ನೆ ಒಂದೇ: "ಕುಂಬ್ಳೆಯದ್ದು ಉಂಟಾ?" ಇಲ್ಲ. ಅನಿಲ್ ಕುಂಬ್ಳೆ ಹುಟ್ಟಿದ್ದು ಬೆಂಗಳೂರಿನಲ್ಲಿ, ಹೆಸರು ಮಾತ್ರ ನಮ್ಮ ಕುಂಬಳೆಯದ್ದು. 1999ರಲ್ಲಿ ದೆಹಲಿಯಲ್ಲಿ ಅವರು ಪಾಕಿಸ್ತಾನದ ಹತ್ತೂ ವಿಕೆಟ್ ಕಿತ್ತಾಗ ಇಲ್ಲಿನ ಅರ್ಧ ಊರು ಅವರಿಗೆ ನೆಂಟರಾಯಿತು. ಕ್ರಿಕೆಟಿಗರ ಸಹಿ ದುಡ್ಡು ಕೊಟ್ಟರೂ ಸಿಗುತ್ತದೆ. ಸಹಿ ಹಾಕಿದ ಬ್ಯಾಟು, ಟೀ ಶರ್ಟು ಮಾರುವವರೇ ಇದ್ದಾರೆ. ನಾನು ಕೂಡಿಡುವುದು ಯಕ್ಷಗಾನದವರ ಸಹಿ. ಅದನ್ನು ಯಾರೂ ಮಾರುವುದಿಲ್ಲ, ಯಾರೂ ಕೊಳ್ಳುವುದೂ ಇಲ್ಲ.

ಯಾಕೆ ಯಕ್ಷಗಾನ? ಯಕ್ಷಗಾನ ಪ್ರಸಂಗಗಳನ್ನು ಬರೆದ ಪಾರ್ತಿಸುಬ್ಬನ ಕುಂಬಳೆ ಇಲ್ಲೇ ಇದೆ. ಹೆಸರಾಂತ ಕಲಾವಿದ ಶೇಣಿ ಗೋಪಾಲಕೃಷ್ಣ ಭಟ್ಟರ ಹೆಸರಿನಲ್ಲಿರುವ ಶೇಣಿಯೂ ಈ ಕಡೆಯದ್ದೇ. ಆಟ, ಅಂದರೆ ಯಕ್ಷಗಾನ, ನೋಡದೆ ಬೆಳೆದ ಮನೆ ನಮ್ಮಲ್ಲಿ ಕಡಿಮೆ. ಆದರೆ ಈ ಕಲಾವಿದರು ಕಾಗದದ ಮೇಲೆ ಬಿಟ್ಟುಹೋಗುವುದು ಬಹಳ ಕಮ್ಮಿ. ಭಾಗವತರು ಹಾಡುವ ಪದ್ಯ ಪ್ರಸಂಗದ ಪುಸ್ತಕದಲ್ಲಿರುತ್ತದೆ. ವೇಷಧಾರಿ ಹೇಳುವ ಅರ್ಥ, ಅಂದರೆ ಪಾತ್ರದ ಮಾತು, ಆಗಿಂದಾಗ ಹುಟ್ಟಿದ್ದು, ಬೆಳಗಾದರೆ ಇಲ್ಲ. ಹಾಗಾಗಿ ನಾನು ಬರೀ ಸಹಿ ಕೇಳುವುದಿಲ್ಲ. ಹೆಸರು, ಈ ರಾತ್ರಿಯ ಪ್ರಸಂಗ, ಮಾಡುವ ವೇಷ, ಊರು, ತಾರೀಕು, ಇಷ್ಟನ್ನೂ ಅವರ ಕೈಯಲ್ಲೇ ಬರೆಸುತ್ತೇನೆ. ಬರೀ ಸಹಿಯಾದರೆ ಹತ್ತು ವರ್ಷ ಕಳೆದ ಮೇಲೆ ಅದು ಯಾರದ್ದೆಂದು ನಮಗೇ ಓದಲು ಬರುವುದಿಲ್ಲ.

ಕೇಳುವುದಕ್ಕೆ ಒಂದು ಹೊತ್ತಿದೆ. ಚೌಕಿಯೆಂದರೆ ವೇಷ ಕಟ್ಟುವ ಜಾಗ. ಅಲ್ಲಿ ದೇವರ ಪೆಟ್ಟಿಗೆ ಇರುತ್ತದೆ, ದೀಪ ಇರುತ್ತದೆ. ಚಪ್ಪಲಿ ಹೊರಗೆ. ಒಳಗೆ ಹೋದ ಕೂಡಲೇ ಪೆನ್ನು ಹಿಡಿದು ಮುಖದ ಮುಂದೆ ನಿಲ್ಲಬಾರದು. ಬಣ್ಣದ ವೇಷದವರ, ಅಂದರೆ ರಾಕ್ಷಸ ಪಾತ್ರದವರ, ಹತ್ತಿರವಂತೂ ಸುಳಿಯಲೇಬಾರದು. ಅಕ್ಕಿ ಹಿಟ್ಟು, ಸುಣ್ಣ ಕಲಸಿ ಮುಖದ ಮೇಲೆ ಒಂದೊಂದಾಗಿ ಚುಟ್ಟಿ, ಅಂದರೆ ಉಬ್ಬು ಚುಕ್ಕೆ, ಇಡುತ್ತಾ ಅವರು ಗಂಟೆಗಟ್ಟಲೆ ಕೂತಿರುತ್ತಾರೆ. ಆಗ ಮಾತಾಡಿಸಿದರೆ ಬಾಯಿ ಆಡುತ್ತದೆ, ಕೆನ್ನೆ ಆಡುತ್ತದೆ, ಇಟ್ಟ ಚುಟ್ಟಿ ಕೀಳುತ್ತದೆ. ಬೈಸಿಕೊಂಡರೆ ತಪ್ಪು ನಮ್ಮದೇ.

ಆಟ ಮುಗಿದ ಮೇಲೆ ಕೇಳೋಣ ಅನ್ನುತ್ತೀರಾ? ಅದೂ ಆಗುವುದಿಲ್ಲ. ಬಣ್ಣ ತೆಗೆಯುವುದು ತೆಂಗಿನೆಣ್ಣೆಯಲ್ಲಿ. ಅಂಗೈ ತುಂಬ ಎಣ್ಣೆ ಸುರಿದು ಮುಖಕ್ಕೆ ತಿಕ್ಕಿದರೆ ಕೆಂಪು, ಹಳದಿ, ಕಪ್ಪು ಎಲ್ಲ ಕಲಸಿ ಕೆಸರಿನಂತೆ ಇಳಿಯುತ್ತದೆ. ಆಮೇಲೆ ಹಳೇ ಬಟ್ಟೆಯಲ್ಲಿ ಒರೆಸುತ್ತಾರೆ. ಆದರೆ ಬೆರಳ ಸಂದಿಯ ಎಣ್ಣೆ ಸೋಪು ಹಾಕಿ ತೊಳೆಯುವವರೆಗೂ ಹೋಗುವುದಿಲ್ಲ. ಆ ಕೈ ಕಾಗದಕ್ಕೆ ತಾಗಿದ ಕಡೆ ಬಾಲ್ ಪೆನ್ನು ಜಾರುತ್ತದೆ, ಗೀರು ಬೀಳುತ್ತದೆಯೇ ಹೊರತು ಶಾಯಿ ಹಿಡಿಯುವುದಿಲ್ಲ. ಎಣ್ಣೆ ಕಲೆ ಹಿಂದಿನ ಹಾಳೆಗೂ ಇಳಿಯುತ್ತದೆ.

ನನಗೆ ಸರಿಹೋದ ಹೊತ್ತೆಂದರೆ ಕಲಾವಿದರು ಬಂದು, ಚಾ ಕುಡಿದು, ಬಣ್ಣಕ್ಕೆ ಕೂರುವ ಮೊದಲಿನ ಅರ್ಧ ಗಂಟೆ. ಈಗ ಹಲವು ಮೇಳಗಳದ್ದು ಕಾಲಮಿತಿಯ ಆಟ, ಸಂಜೆಯೇ ಶುರು. ಹಾಗಾಗಿ ಬೇಗ ಹೋಗಬೇಕು. ಪೀಠಿಕೆ ಬೇಡ. ಅವರ ಯಾವ ವೇಷವನ್ನು ಎಲ್ಲಿ ನೋಡಿದ್ದೆವು ಎಂದು ಒಂದು ಮಾತು ಹೇಳಿದರೆ ಸಾಕು, ಮುಖ ಅರಳುತ್ತದೆ. ಒಬ್ಬ ಹಿರಿಯ ವೇಷಧಾರಿ ನಕ್ಕುಬಿಟ್ಟರು. "ನನ್ನ ಸಹಿ ಎಂತಕ್ಕೆ ಮಾರಾಯಾ? ಬ್ಯಾಂಕಿನವರೇ ಸರಿ ಇಲ್ಲ ಅಂತ ವಾಪಸ್ ಕಳಿಸ್ತಾರೆ." ನಾನು, "ಭಟ್ರೇ, ನನ್ನ ಬ್ಯಾಂಕಿನಲ್ಲಿ ಎಲ್ಲಾ ಸಹಿಯೂ ಪಾಸ್" ಎಂದೆ. ಹೆಸರಿನ ಕೆಳಗೆ ಆ ದಿನದ ವೇಷ ಬರೆಯುವುದಿತ್ತು. ಅವರು ತಾವು ಮಾಡಿದ ವೇಷಗಳನ್ನೆಲ್ಲ ಬರೆಯತೊಡಗಿ ಕಾರ್ಡಿನ ಹಿಂಬದಿಗೂ ಹೋದರು.

ಬ್ಯಾಂಕಿನ ಮಾತು ತಮಾಷೆಯದ್ದಾದರೂ ನಾನು ಅದನ್ನು ಗಂಭೀರವಾಗಿಯೇ ತೆಗೆದುಕೊಂಡಿದ್ದೇನೆ. ಚೆಕ್ಕಿಗೆ ಹಾಕುವ ಸಹಿ ನನಗೆ ಬೇಡ ಎಂದು ಮೊದಲೇ ಹೇಳುತ್ತೇನೆ. ಅದು ಅವರ ಸುರಕ್ಷತೆಗೂ ಒಳ್ಳೆಯದು. ಇನ್ನೊಂದು ಲಾಭವೂ ಇದೆ. 1956ರ ನವೆಂಬರ್ 1ರಿಂದ ನಾವು ಕೇರಳದವರು. ಕಚೇರಿಯ ಕಾಗದಕ್ಕೆ ಇಂಗ್ಲಿಷಿನಲ್ಲೋ ಮಲಯಾಳದಲ್ಲೋ ಸಹಿ ಹಾಕಿ ಅಭ್ಯಾಸವಾದವರು ತುಂಬ ಜನ. ಬ್ಯಾಂಕಿನದ್ದು ಬೇಡ ಎಂದ ಮೇಲೆ ಒಂದು ಕ್ಷಣ ಪೆನ್ನು ಹಿಡಿದು ಯೋಚಿಸಿ ಕನ್ನಡದಲ್ಲಿ ಬರೆಯುತ್ತಾರೆ. ಕೆಲವರು ಮಲಯಾಳದಲ್ಲೇ ಬರೆಯುತ್ತಾರೆ, ಅದೂ ಸಂತೋಷವೇ. ಕನ್ನಡದಲ್ಲೇ ಹಾಕಿ ಎಂದು ನಾನು ಒತ್ತಾಯ ಮಾಡುವುದಿಲ್ಲ. ಸಪ್ತಭಾಷೆಯ ಜಿಲ್ಲೆ ಇದು, ಪೆಟ್ಟಿಗೆಯೂ ಹಾಗೇ ಇರಲಿ ಅಲ್ವಾ. ಆದರೆ ಯಾರ ಸಹಿಯ ಫೋಟೋವನ್ನೂ ವಾಟ್ಸ್ಆ್ಯಪ್ ಗುಂಪಿಗೆ ಹಾಕುವುದಿಲ್ಲ.

ದುಡ್ಡು ಕೊಡಬೇಕಾ ಎಂದು ಕೆಲವರು ಕೇಳುತ್ತಾರೆ. ಗಾಂಧೀಜಿ ಒಂದು ಸಹಿಗೆ 5 ರೂಪಾಯಿ ವಸೂಲು ಮಾಡಿ ಹರಿಜನ ನಿಧಿಗೆ ಹಾಕುತ್ತಿದ್ದರು. ನಮ್ಮವರು ಯಾರೂ ಕೇಳಿದ್ದಿಲ್ಲ. ಚೌಕಿಯ ದೇವರಿಗೆ ಕಾಣಿಕೆ ಹಾಕಿ ಬರುತ್ತೇನೆ.

ಪತ್ತನಾಜೆ, ಅಂದರೆ ಮೇ ತಿಂಗಳ ಕೊನೆಗೆ, ಮೇಳಗಳು ತಿರುಗಾಟ ಮುಗಿಸಿ ಗೆಜ್ಜೆ ಬಿಚ್ಚುತ್ತವೆ. ಮಳೆಗಾಲ ವೇಷವಿಲ್ಲದೆ ಕೂತು ಅರ್ಥ ಹೇಳುವ ತಾಳಮದ್ದಳೆಯ ಕಾಲ. ಸಹಿ ಕೇಳುವವರಿಗೆ ಇದು ಸುಲಭ. ಬಣ್ಣವಿಲ್ಲ, ಎಣ್ಣೆಯಿಲ್ಲ, ಅರ್ಥಧಾರಿಗಳು ಪಂಚೆ ಶಾಲಿನಲ್ಲಿ ಕೂತಿರುತ್ತಾರೆ. ಎಡನೀರು ಮಠದಂಥ ಕಡೆ ಚಾತುರ್ಮಾಸ್ಯದ ದಿನಗಳಲ್ಲಿ ದೊಡ್ಡ ದೊಡ್ಡವರು ಒಟ್ಟಿಗೆ ಸಿಗುತ್ತಾರೆ. 1973ರ ಸುಪ್ರೀಂ ಕೋರ್ಟ್ ತೀರ್ಪಿನಿಂದ ದೇಶಕ್ಕೆಲ್ಲ ಗೊತ್ತಾದ ಕೇಶವಾನಂದ ಭಾರತೀ ಸ್ವಾಮೀಜಿ ಇದೇ ಮಠದವರು. ಅವರು ಸ್ವತಃ ಭಾಗವತಿಕೆ ಮಾಡುತ್ತಿದ್ದರು. 2020ರಲ್ಲಿ ತೀರಿಕೊಂಡರು. ಅವರ ಕೈಬರಹ ನನ್ನಲ್ಲಿ ಇಲ್ಲ.

ತಿರುಗಾಟ ಬಿಟ್ಟು ಮನೆಯಲ್ಲಿರುವ ಹಿರಿಯರಿಗೆ ಕಾಗದ ಬರೆಯುತ್ತೇನೆ. ಒಂದೇ ಪುಟ. ಒಳಗೆ ಖಾಲಿ ಕಾರ್ಡು, ನನ್ನ ವಿಳಾಸ ಬರೆದು 5 ರೂಪಾಯಿಯ ಸ್ಟ್ಯಾಂಪು ಅಂಟಿಸಿದ ಕವರು. 20 ಗ್ರಾಂವರೆಗೆ ಅಷ್ಟು ಸಾಕು. ಉತ್ತರ ಬರದಿದ್ದರೆ ಇನ್ನೊಮ್ಮೆ ಬರೆದು ಪೀಡಿಸುವುದಿಲ್ಲ. ಕೈ ನಡುಗುವ ವಯಸ್ಸದು. ನಡುಗುವ ಕೈಯ ಸಹಿ ಬಂದರೆ ನೀಟಾಗಿ ಇನ್ನೊಂದು ಕೊಡಿ ಎಂದು ಕೇಳುವುದೂ ಸರಿಯಲ್ಲ.

ಕಾಗದದ ವಿಷಯದಲ್ಲಿ ನಾನು ಸ್ವಲ್ಪ ಹಠಮಾರಿ. ಅಂಗಡಿಯ ಆಟೋಗ್ರಾಫ್ ಪುಸ್ತಕ ಬೇಡ. ಬಣ್ಣದ ಹಾಳೆ, ಹೂವಿನ ಚಿತ್ರ, ಸಹಿಗೆ ಜಾಗವೇ ಇರುವುದಿಲ್ಲ. ದಪ್ಪ ಡ್ರಾಯಿಂಗ್ ಹಾಳೆಯನ್ನು ಪೋಸ್ಟ್ ಕಾರ್ಡಿನಷ್ಟು ಕತ್ತರಿಸಿಕೊಂಡರೆ ಒಂದು ಹಾಳಾದರೂ ಉಳಿದವು ಸರಿ ಇರುತ್ತವೆ. ಪೆನ್ನು ಪಿಗ್ಮೆಂಟ್ ಶಾಯಿಯದ್ದು, ಬೆಳಕಿಗೆ ಬೇಗ ಮಾಸುವುದಿಲ್ಲ. ಸ್ಕೆಚ್ ಪೆನ್ನಿನ ಸಹಿ ಬಿಸಿಲು ಬೀಳುವ ಗೋಡೆಯಲ್ಲಿ ಎರಡು ಬೇಸಿಗೆಗೆ ಮಾಯ. ಫೋಟೋದ ಮೇಲಾದರೆ ಪರ್ಮನೆಂಟ್ ಮಾರ್ಕರ್. ಲ್ಯಾಮಿನೇಶನ್, ಸೆಲೋಟೇಪ್ ಎರಡೂ ಬೇಡವೇ ಬೇಡ. ಪಿವಿಸಿ ಕವರಿಗೆ ಶಾಯಿ ಅಂಟಿಕೊಳ್ಳುತ್ತದೆ, ಪಾಲಿಪ್ರೊಪಿಲೀನಿನದ್ದು ಕೇಳಿ ತರಬೇಕು.

ನಮ್ಮ ಕರಾವಳಿಯಲ್ಲಿ ದೊಡ್ಡ ಶತ್ರು ಬೂಸರು. ಮಳೆ ಜೋರಿರುವ ಆಟಿ ತಿಂಗಳಲ್ಲಿ ಗೋಡೆಯೇ ಬೆವರುತ್ತದೆ. ಬಿಗಿ ಮುಚ್ಚಳದ ಡಬ್ಬದಲ್ಲಿ ಸಿಲಿಕಾ ಜೆಲ್ ಹಾಕಿಟ್ಟರೆ ಮಳೆ ಮುಗಿಯುವವರೆಗೆ ಸುಮ್ನೆ ತೆರೆದು ನೋಡಬಾರದು. ನೆಂಟರು ಬಂದಾಗ ತೋರಿಸು ಎನ್ನುತ್ತಾರೆ. ಡಿಸೆಂಬರಿನಲ್ಲಿ ಬನ್ನಿ ಎನ್ನುತ್ತೇನೆ.

ನನ್ನ ಡಬ್ಬದಲ್ಲಿ ಮುಮ್ಮೇಳದವರೇ, ಅಂದರೆ ವೇಷ ಹಾಕುವವರೇ, ಜಾಸ್ತಿ. ಚೆಂಡೆ, ಮದ್ದಳೆಯವರು ಕಮ್ಮಿ. ವೇಷಧಾರಿಗೆ ನಡುವೆ ಬಿಡುವು ಸಿಗುತ್ತದೆ, ಇವರು ರಂಗಸ್ಥಳಕ್ಕೆ ಹೋದರೆ ಇದ್ದಲ್ಲೇ. ಮದ್ದಳೆಯ ಶ್ರುತಿ ಕೂಡಿಸುವ ಹೊತ್ತಿಗೆ ಹತ್ತಿರ ಹೋದರೆ ಕಿವಿ ಪೂರ್ತಿ ಅಲ್ಲೇ ಇರುತ್ತದೆ, ನಮ್ಮ ಮಾತು ಕೇಳಿಸುವುದೇ ಇಲ್ಲ. ಅದಕ್ಕೂ ಮೊದಲು ಚಾ ಕುಡಿಯುವ ಕಡೆ ಹಿಡಿಯಬೇಕು. ದೀಪಾವಳಿ ಕಳೆದು ಮೇಳ ಹೊರಟ ಕೂಡಲೇ ಈ ಸಲ ಮೊದಲು ಅವರನ್ನೇ ಹಿಡಿಯುವುದು.