ಫುರಿನಾ ಬ್ಯಾನರ್‌ಗೆ ನಾನು ಇಟ್ಟ ಲೆಕ್ಕ

ಗೆನ್‌ಶಿನ್ ಇಂಪ್ಯಾಕ್ಟ್ ಎಂಬ ವಿಡಿಯೊ ಆಟದ 4.2ನೆಯ ಆವೃತ್ತಿ 2023ರ ನವೆಂಬರ್ 8ರಂದು, ದೀಪಾವಳಿಗೆ ನಾಲ್ಕು ದಿನವಿರುವಾಗ ಬಂದಿತು. ಅದರ ಮೊದಲ ಅರ್ಧದಲ್ಲಿ ಫುರಿನಾ ಎಂಬ ಪಾತ್ರದ ಬ್ಯಾನರ್ ಇತ್ತು. ಬ್ಯಾನರ್ ಎಂದರೆ ಒಂದು ಪಾತ್ರವನ್ನು ಪಡೆಯಲು ಕೆಲವೇ ವಾರ ತೆರೆದಿರುವ ಲಾಟರಿ. ಕೂಡಿಟ್ಟದ್ದನ್ನೆಲ್ಲ ಆ ಬ್ಯಾನರ್‌ಗೆ ಸುರಿಯಬೇಕೇ ಎಂಬ ಲೆಕ್ಕವನ್ನು ನಾನು ಶುರುಮಾಡಿದ್ದು ಮಾತ್ರ ಅದಕ್ಕೆ ಆರು ವಾರ ಮೊದಲು, ಸೆಪ್ಟೆಂಬರ್ 27ರಂದು ನೆವಿಲೆಟ್ ಎಂಬ ಇನ್ನೊಂದು ಪಾತ್ರದ ಬ್ಯಾನರ್ ತೆರೆದಾಗ. ಅಂಗಡಿಯಲ್ಲಿ ಬಳಸದೆ ಉಳಿದಿದ್ದ ತೆಳ್ಳನೆಯ ಒಂದು ಖಾತೆ ಪುಸ್ತಕವನ್ನು ಇದಕ್ಕೆಂದೇ ತೆಗೆದಿಟ್ಟುಕೊಂಡಿದ್ದೆ. ಈ ಬರಹದ ಸಂಖ್ಯೆಗಳು ಬಹುಮಟ್ಟಿಗೆ ಅದರಿಂದಲೇ ಬಂದವು.

ನಿಯಮಗಳನ್ನು ಬಲ್ಲವರು ಈ ಪ್ಯಾರಾ ದಾಟಿಕೊಂಡು ಹೋಗಬಹುದು. ಈ ಲಾಟರಿಯನ್ನು ಒಮ್ಮೆ ಎತ್ತುವುದೇ ಒಂದು ಪುಲ್, ಅದಕ್ಕೆ ಆಟದೊಳಗಿನ ನಾಣ್ಯವಾದ ಪ್ರಿಮೋಜೆಮ್ 160 ಬೇಕು. ಐದು ನಕ್ಷತ್ರದ, ಅಂದರೆ ಅತಿ ಅಪರೂಪದ ದರ್ಜೆಯ, ಪಾತ್ರ ಸಿಗುವ ಸಾಧ್ಯತೆ ಪ್ರತಿ ಪುಲ್‌ಗೆ ಶೇಕಡ 0.6, 89 ಬಾರಿ ಸಿಗದಿದ್ದರೆ 90ನೆಯದರಲ್ಲಿ ಖಂಡಿತ ಸಿಗುತ್ತದೆ. ಈ ಎಣಿಕೆಗೆ ಆಟಗಾರರು ಪಿಟಿ ಎನ್ನುತ್ತಾರೆ. ಹೀಗೆ ಸಿಕ್ಕ ಪಾತ್ರ ಬ್ಯಾನರ್‌ನದೇ ಆಗಿರುವ ಸಾಧ್ಯತೆ ಆಗ ಅರ್ಧಕ್ಕರ್ಧ ಇತ್ತು. ಫಿಫ್ಟಿ-ಫಿಫ್ಟಿ ಎಂಬ ಈ ಪಣದಲ್ಲಿ ಸೋತರೆ ಜೀನ್, ಡಿಲುಕ್, ಚಿಚಿ ಮುಂತಾದ ಹಳೆಯ ಪಾತ್ರಗಳಲ್ಲೊಂದು ಬರುತ್ತದೆ, ಮತ್ತು ಅದರ ಮುಂದಿನ ಐದು ನಕ್ಷತ್ರ ಬ್ಯಾನರ್‌ನ ಪಾತ್ರವೇ ಆಗಿರುತ್ತದೆ. ಎಣಿಕೆಯೂ ಗ್ಯಾರಂಟಿಯೂ ಮುಂದಿನ ಪಾತ್ರದ ಬ್ಯಾನರ್‌ಗೆ ಹಾಗೆಯೇ ಸಾಗಿಹೋಗುತ್ತವೆ. ಇಡೀ ಲೆಕ್ಕಕ್ಕೆ ಈ ಕೊನೆಯ ಅಂಶವೇ ಆಧಾರ.

0.6 ಎಂಬುದು ಎಷ್ಟು ಚಿಕ್ಕ ಸಂಖ್ಯೆ ಎಂಬುದು ನನಗೆ ಅರಿವಾದದ್ದು ಅದನ್ನು ತಿರುಗಿಸಿ ನೋಡಿದಾಗ. ಒಮ್ಮೆಗೆ ಹತ್ತು ಪುಲ್ ಮಾಡಿದರೆ ನೂರರಲ್ಲಿ 94 ಸಲ ಐದು ನಕ್ಷತ್ರದ ಪಾತ್ರ ಬರುವುದಿಲ್ಲ. ಸತತವಾಗಿ 73 ಪುಲ್ ಮಾಡಿದರೂ ಬರುವ ಸಾಧ್ಯತೆ ನೂರಕ್ಕೆ 36 ಮಾತ್ರ. ಸುಮಾರು 74ರಿಂದಾಚೆ ಪ್ರತಿ ಪುಲ್‌ಗೂ ಸಾಧ್ಯತೆ ಸರಸರನೆ ಏರುತ್ತದೆ. ಇದು ಆಟದೊಳಗಿನ ವಿವರದ ಪುಟದಲ್ಲಿಲ್ಲ, ಅಲ್ಲಿರುವುದು ಪಿಟಿಯನ್ನೂ ಸೇರಿಸಿದ 1.6 ಎಂಬ ಸರಾಸರಿ ಮಾತ್ರ. ಆಟಗಾರರೇ ತಮ್ಮ ತಮ್ಮ ದಾಖಲೆಗಳನ್ನು ಒಟ್ಟುಮಾಡಿ ಈ ಏರಿಕೆಯನ್ನು ಕಂಡುಕೊಂಡರು. ನನ್ನ ಖಾತೆಯಲ್ಲಿಯೂ ಹೆಚ್ಚಿನವು 75ರಿಂದ 80ರ ನಡುವೆ ಬಂದಿವೆ. ಆದ್ದರಿಂದ ಅದೃಷ್ಟವಿದ್ದರೆ ಹತ್ತು ಪುಲ್‌ಗೆ ಬಂದೀತು ಎಂಬ ನಿರೀಕ್ಷೆಯನ್ನು ನಾನು ಲೆಕ್ಕಕ್ಕೇ ತೆಗೆದುಕೊಳ್ಳುವುದಿಲ್ಲ. ಬಂದರೆ ಅದು ಹಬ್ಬದ ಉಡುಗೊರೆ.

ಲೆಕ್ಕವಿಡುವ ಅಭ್ಯಾಸ ಮೊದಲಿನಿಂದ ಇರಲಿಲ್ಲ. 2021ರ ಆಗಸ್ಟ್‌ನಲ್ಲಿ ಯೋಯಿಮಿಯಾ ಎಂಬ ಪಾತ್ರದ ಬಾಣಬಿರುಸಿನ ದೃಶ್ಯವನ್ನು ನೋಡಿ ಮರುಳಾಗಿ, ಇದ್ದುದನ್ನೆಲ್ಲ ಖರ್ಚು ಮಾಡಿದ್ದಲ್ಲದೆ ಸ್ವಲ್ಪ ದುಡ್ಡನ್ನೂ ಹಾಕಿದೆ. ಅವಳು ಬಂದಳು, 40ನೆಯ ಹಂತಕ್ಕೆ ಏರಿಸಿದ ಮೇಲೆ ಅವಳನ್ನು ನಾನು ಮುಟ್ಟಲೇ ಇಲ್ಲ. ಅವಳ ಹೊಡೆತಕ್ಕೆ ಒಂದೊಂದೇ ಗುರಿ ಸಿಗುತ್ತಿತ್ತು, ನನಗೆ ಬೇಕಾಗಿದ್ದದ್ದು ಗುಂಪನ್ನು ಚದುರಿಸುವ ಪಾತ್ರ. ಹಾಕಿದ ದುಡ್ಡೆಷ್ಟು ಎಂಬುದು ಆ ಕ್ಷಣಕ್ಕೆ ಹೊಳೆಯಲೂ ಇಲ್ಲ, ಏಕೆಂದರೆ ರೂಪಾಯಿ ಮೊದಲು ಜೆನೆಸಿಸ್ ಕ್ರಿಸ್ಟಲ್ ಆಗಿ, ಅದು ಪ್ರಿಮೋಜೆಮ್ ಆಗಿ, ಅದು ಒಂದು ಪುಲ್‌ಗೆ ಒಂದರಂತೆ ಕೊಡುವ ಫೇಟ್ ಎಂಬ ಟಿಕೆಟ್ ಆಗಿ ಬದಲಾಗುವಷ್ಟರಲ್ಲಿ ಬೆಲೆಯ ಜಾಡೇ ತಪ್ಪಿರುತ್ತದೆ. 2025ರ ಜನವರಿಯಲ್ಲಿ ಅಮೆರಿಕದ ಫೆಡರಲ್ ಟ್ರೇಡ್ ಕಮಿಷನ್ ಇದೇ ಆಟದ ಪ್ರಕಾಶಕರೊಂದಿಗೆ ಎರಡು ಕೋಟಿ ಡಾಲರ್‌ಗೆ ರಾಜಿ ಮಾಡಿಕೊಂಡಾಗ ಎತ್ತಿದ ಆಕ್ಷೇಪಗಳಲ್ಲಿ ಈ ಪದರ ಪದರದ ನಾಣ್ಯ ವ್ಯವಸ್ಥೆಯೂ ಒಂದು. ನನ್ನ ವಿಷಯದಲ್ಲಿ ತಪ್ಪು ನನ್ನದೇ. ಕೂಡಿಸಲು ಕಾಗದ ಪೆನ್ನು ತೆಗೆದುಕೊಳ್ಳುವಷ್ಟು ವ್ಯವಧಾನ ನನಗಿರಲಿಲ್ಲ.

ಈಗ ಸೆಪ್ಟೆಂಬರ್ 27ಕ್ಕೆ ಬರುತ್ತೇನೆ. ಪುಸ್ತಕದ ಮೊದಲ ಸಾಲು ಹೀಗಿದೆ: ಪ್ರಿಮೋಜೆಮ್ 11,360, ಅಂದರೆ 71 ಪುಲ್, ಕೈಯಲ್ಲಿದ್ದ ಫೇಟ್ 9, ಒಟ್ಟು 80. ಎಣಿಕೆ 22ರಲ್ಲಿತ್ತು. ಗ್ಯಾರಂಟಿ ಇರಲಿಲ್ಲ, ಏಕೆಂದರೆ ಏಪ್ರಿಲ್‌ನಲ್ಲಿ ನಹೀದಾ ಎಂಬ ಪಾತ್ರದ ಬ್ಯಾನರ್ ಮರಳಿ ಬಂದಾಗ ಸೋತು ಜೀನ್ ಬಂದಿದ್ದಳು, ಆಮೇಲಿನ ಗ್ಯಾರಂಟಿಯಲ್ಲಿ ನಹೀದಾಳನ್ನು ಪಡೆದಿದ್ದೆ. ಮೊದಲ ಐದು ನಕ್ಷತ್ರಕ್ಕೆ ಅತಿ ಹೆಚ್ಚೆಂದರೆ 68 ಪುಲ್ ಬೇಕು, ಅಲ್ಲಿ ಸೋತರೆ ಮತ್ತೆ 90 ಬೇಕು, ಒಟ್ಟು 158. ಇರುವುದು 80. ಹಾಗಾಗಿ ನೆವಿಲೆಟ್ ಸಿಗುವ ಸಾಧ್ಯತೆ ಅರ್ಧಕ್ಕಿಂತ ತುಸು ಹೆಚ್ಚು, ಅಷ್ಟೇ.

ಆಟದಲ್ಲಿ ಅವನ ಬಲದ ಬಗ್ಗೆ ಎರಡು ಮಾತಿರಲಿಲ್ಲ. ಆದರೆ ಪಾತ್ರ ಬಲಶಾಲಿಯೇ ಎಂಬುದಕ್ಕಿಂತ ನನ್ನ ಖಾತೆಗೆ ಏನು ಕೊರತೆ ಎಂಬ ಪ್ರಶ್ನೆ ನನಗೆ ಮುಖ್ಯವಾಗಿತ್ತು. ಸ್ಪೈರಲ್ ಅಬಿಸ್ ಎಂಬ ಕಠಿಣ ಕಾಳಗದ ಸವಾಲಿನ 12ನೆಯ ಮಹಡಿಗೆ ಎರಡು ತಂಡಗಳು ಬೇಕು. ನನ್ನ ಬಳಿ ಹೊಡೆಯುವವರಿದ್ದರು. ಇಡೀ ತಂಡದ ಹೊಡೆತವನ್ನು ಏರಿಸುವವರು ಬೆನೆಟ್ ಒಬ್ಬನನ್ನು ಬಿಟ್ಟರೆ ಯಾರೂ ಇರಲಿಲ್ಲ, ಮತ್ತು ಅವನು ಎರಡು ತಂಡಗಳಲ್ಲಿ ಇರಲಾರ. ನೆವಿಲೆಟ್ ಬಂದರೆ ಇನ್ನೊಬ್ಬ ಹೊಡೆಯುವವನು ಬಂದಂತೆ. 4.1 ಬರುವ ಹೊತ್ತಿಗೆ ಮುಂದಿನ ಆವೃತ್ತಿಗೆ ಫುರಿನಾ ಬರುವಳೆಂಬ ಪ್ರಕಟಣೆ ಹೊರಬಿದ್ದಿತ್ತು. ಅವಳ ಆಟದ ರೀತಿ ಇನ್ನೂ ಖಚಿತವಿರಲಿಲ್ಲವಾದರೂ ಅದಕ್ಕಾಗಿ ಕಾಯುವುದರಲ್ಲಿ ನಷ್ಟವಿರಲಿಲ್ಲ. ಉಳಿಸಿಕೊಂಡದ್ದನ್ನು ನಾಳೆ ಖರ್ಚು ಮಾಡಬಹುದು, ಖರ್ಚಾದದ್ದು ಮರಳುವುದಿಲ್ಲ. 2020ರ ಡಿಸೆಂಬರ್‌ನಲ್ಲಿ ಜೊಂಗ್ಲಿ ಎಂಬ ಪಾತ್ರ ಬಂದಾಗ ಆಟಗಾರರು ಅವನನ್ನು ದುರ್ಬಲನೆಂದು ಬೈದದ್ದೂ, 1.3ನೆಯ ಆವೃತ್ತಿಯಲ್ಲಿ ಅವನನ್ನು ಬಲಪಡಿಸಿದ ಮೇಲೆ ಅವನಿಲ್ಲದವರು ಕೈ ಹಿಸುಕಿಕೊಂಡದ್ದೂ ನೆನಪಿತ್ತು. ಮುಂಚಿತ ತೀರ್ಪಿಗೆ ಎರಡೂ ಕಡೆ ಅಪಾಯವಿದೆ.

ಇಲ್ಲಿ ಒಂದು ಮಾತನ್ನು ಪ್ರಾಮಾಣಿಕವಾಗಿ ಹೇಳಬೇಕು. ಇಬ್ಬರಲ್ಲಿ ಯಾರು ಬಂದರೂ ಸರಿ ಎನ್ನುವವನು ಸೆಪ್ಟೆಂಬರ್‌ನಲ್ಲಿಯೇ ಪುಲ್ ಮಾಡುವುದು ಸರಿಯಾಗಿತ್ತು. ಗೆದ್ದರೆ ನೆವಿಲೆಟ್, ಸೋತರೆ ಗ್ಯಾರಂಟಿ ಕೈಗೆ ಬಂದು, ಆರು ವಾರದ ಗಳಿಕೆ ಸೇರಿ ಫುರಿನಾ ಬಹುಪಾಲು ಸಿಗುತ್ತಿದ್ದಳು. ಫುರಿನಾ ಮಾತ್ರವೇ ಬೇಕು ಎನ್ನುವವನಿಗೆ ಆ ದಾರಿ ಸಲ್ಲದು, ಏಕೆಂದರೆ ಅವನ ಪಾಲಿಗೆ ಗೆಲುವೂ ಸೋಲೇ. ನಾನು ಎರಡನೆಯ ಗುಂಪಿನವನು.

ಗಳಿಕೆಯ ಪುಟ ನೀರಸವಾಗಿತ್ತು. ಆಟದೊಳಗಿನ ದಿನದ ಕೆಲಸಗಳಿಂದ 60 ಪ್ರಿಮೋಜೆಮ್‌ನಂತೆ 42 ದಿನಕ್ಕೆ 2,520. ಅಬಿಸ್ ಆಗ ತಿಂಗಳಿಗೆ ಎರಡು ಬಾರಿ, 1 ಮತ್ತು 16ನೆಯ ತಾರೀಕು, ಹೊಸದಾಗುತ್ತಿತ್ತು. ಪೂರ್ತಿ ನಕ್ಷತ್ರಕ್ಕೆ 600 ಸಿಗುವ ಕಡೆ ನನಗೆ 500 ಸಿಗುತ್ತಿತ್ತು, ಮೂರು ಬಾರಿಗೆ 1,500. ಹೊಸ ಆವೃತ್ತಿಯ ನೇರಪ್ರಸಾರದಲ್ಲಿ ಕೊಟ್ಟ ಕೋಡ್‌ಗಳಿಂದ 300, ಆವೃತ್ತಿ ಬದಲಾಗುವ ದಿನದ ಪರಿಹಾರ 600. ಸಣ್ಣಪುಟ್ಟ ಈವೆಂಟ್‌ಗಳು ಮತ್ತು ಆಟದೊಳಗಿನ ಫೊಂಟೈನ್ ಎಂಬ ನಾಡಿನಲ್ಲಿ ಪೆಟ್ಟಿಗೆ ಹುಡುಕಿದ್ದು ಸೇರಿ 3,440. ಒಟ್ಟು 8,360, ಅಂದರೆ 52 ಪುಲ್. ಹಿಂದಿನ ಪುಲ್‌ಗಳ ಜೊತೆ ಸಿಕ್ಕಿದ್ದ ಸ್ಟಾರ್‌ಡಸ್ಟ್ ಕೊಟ್ಟು ತಿಂಗಳಿಗೆ ಐದರಂತೆ ಕೊಂಡ ಹತ್ತು ಫೇಟ್ ಸೇರಿದರೆ 62. ಒಂದು ರೂಪಾಯಿಯೂ ಹಾಕದೆ ನವೆಂಬರ್ 8ಕ್ಕೆ 142 ಇರಬೇಕಾಗಿತ್ತು.

ಇದ್ದದ್ದು 132. ಅಕ್ಟೋಬರ್‌ನ ಒಂದು ರಾತ್ರಿ ಚಿಕ್ಕಪ್ಪನ ಮಗ ಮನೆಗೆ ಬಂದಿದ್ದ. ಏಷ್ಯಾ ಸರ್ವರ್‌ನ ದಿನ ನಮ್ಮ ಗಡಿಯಾರದಲ್ಲಿ ರಾತ್ರಿ ಒಂದೂವರೆಗೆ ಬದಲಾಗುತ್ತದೆ. ಆ ದಿನದ ಕೆಲಸ ಮುಗಿಸಿ ಮಲಗೋಣವೆಂದು ಇಬ್ಬರೂ ಎದ್ದೇ ಇದ್ದೆವು. "ಅಣ್ಣಾ, ಹತ್ತ ಹೊಡದ್ರ ಏನ್ ಆಸ್ತಿ ಹೋಗ್ತೈತಿ?" ಎಂದ. ಹೊಡೆದೆ. ಮೂರು ನಕ್ಷತ್ರದ ನೀಲಿ ಬೆಳಕಿನ ನಡುವೆ ನಾಲ್ಕು ನಕ್ಷತ್ರದ ಒಂದೇ ಒಂದು ನೇರಳೆ ಬಂದಿತು, ಅದೂ ನನ್ನ ಬಳಿ ಐದಾರು ಇದ್ದ ಒಂದು ಬಿಲ್ಲು. ಬೆಳಿಗ್ಗೆ ಪುಸ್ತಕದಲ್ಲಿ ಬರೆಯುವಾಗ ಗೊತ್ತಾದದ್ದೇನೆಂದರೆ, ಆ ಹತ್ತು ಪುಲ್ ನಷ್ಟವಾಗಿರಲಿಲ್ಲ, ಎಣಿಕೆ 22ರಿಂದ 32ಕ್ಕೆ ಏರಿತ್ತು. ಇನ್ನು ಬೇಕಾದದ್ದು 158ರ ಬದಲು 148. ನಾನು ಅಂದು ನಿಜವಾಗಿ ಒಡ್ಡಿದ್ದ ಪಣ ಬೇರೆ: ಆ ಹತ್ತರಲ್ಲಿ ನೆವಿಲೆಟ್ ಬಂದುಬಿಟ್ಟಿದ್ದರೆ ಎಣಿಕೆ ಸೊನ್ನೆಗೆ ಇಳಿದು, ಫುರಿನಾಳಿಗೆ 180 ಬೇಕಾಗುತ್ತಿತ್ತು. ಬೇಡದ ಗೆಲುವಿನಿಂದ ಪಾರಾದೆ ಎಂದು ನಿಟ್ಟುಸಿರು ಬಿಡುವ ವಿಚಿತ್ರ ಈ ಆಟದಲ್ಲಿ ಮಾತ್ರ ಇದೆಯೇನೋ.

ನವೆಂಬರ್ 8ರಂದು ಬೆಳಿಗ್ಗೆ ಎಂಟೂವರೆಗೆ ಬ್ಯಾನರ್ ತೆರೆಯಿತು. ನಾನು ಪುಲ್ ಮಾಡಲಿಲ್ಲ. ಬ್ಯಾನರ್ ಮೂರು ವಾರ ಇರುತ್ತದೆ, ಮೊದಲ ದಿನವೇ ಪುಲ್ ಮಾಡುವವನಿಗೆ ಇಪ್ಪತ್ತು ದಿನ ಮೊದಲು ಆಡುವ ಸಂತೋಷವಿದೆ, ಕೊನೆಯಲ್ಲಿ ಮಾಡುವವನಿಗೆ ಇಪ್ಪತ್ತು ದಿನದ ಗಳಿಕೆಯೂ ಉಳಿದವರ ಅನುಭವವೂ ಇದೆ. ಪ್ರಯೋಗದ ಆಟದಲ್ಲಿ ಅವಳನ್ನು ಏಳೆಂಟು ಬಾರಿ ಆಡಿ ನೋಡಿದೆ. ಅಲ್ಲಿ ಸಿದ್ಧಪಡಿಸಿದ ತಂಡ, ಸಿದ್ಧಪಡಿಸಿದ ಆಯುಧ ಕೊಟ್ಟಿರುತ್ತಾರೆ. ಆದ್ದರಿಂದ ಅಲ್ಲಿ ಕಾಣುವ ಸಂಖ್ಯೆಗಳನ್ನು ನಂಬದೆ ಪಾತ್ರದ ನಡೆಯನ್ನಷ್ಟೇ ಗಮನಿಸಿದೆ. ಅವಳು ಕರೆಯುವ ಮೂರು ಜಲಚರಗಳು ತಂಡದ ಎಲ್ಲರ ಪ್ರಾಣಶಕ್ತಿಯನ್ನು ಹೀರಿಕೊಂಡು ಹೆಚ್ಚು ಜೋರಾಗಿ ಹೊಡೆಯುತ್ತವೆ. ಪ್ರಾಣಶಕ್ತಿ ಇಳಿದಷ್ಟೂ ಏರಿದಷ್ಟೂ ಬರ್ಸ್ಟ್ ಎಂಬ ಅವಳ ವಿಶೇಷ ವಿದ್ಯೆ ಇಡೀ ತಂಡದ ಹೊಡೆತವನ್ನು ಹೆಚ್ಚಿಸುತ್ತದೆ. ಅಂದರೆ ನಾಲ್ವರನ್ನೂ ಒಟ್ಟಿಗೆ ಗುಣಪಡಿಸುವವರು ಜೊತೆಗಿಲ್ಲದಿದ್ದರೆ ಅವಳು ಅರ್ಧ ಪಾತ್ರ. ಬೆನೆಟ್ ಕಣದಲ್ಲಿ ನಿಂತವನನ್ನು ಮಾತ್ರ ಗುಣಪಡಿಸುತ್ತಾನೆ. ನಾಲ್ವರನ್ನೂ ಗುಣಪಡಿಸುವ ಬರ್ಸ್ಟ್ ಇರುವವಳು ಜೀನ್, ಏಪ್ರಿಲ್‌ನಲ್ಲಿ ಬಂದಾಗ ನಾನು ಹಿಡಿಶಾಪ ಹಾಕಿದ್ದ ಅದೇ ಜೀನ್. ಅವಳು ನನ್ನ ಬಳಿ ಇಲ್ಲದಿದ್ದರೆ ಈ ಬ್ಯಾನರ್‌ಗೆ ಬಹುಶಃ ಬೇಡ ಎಂದೇ ಬರೆಯುತ್ತಿದ್ದೆ.

ಪುಲ್‌ನ ಆಚೆಗಿನ ಖರ್ಚನ್ನು ಹಲವರು ಮರೆಯುತ್ತಾರೆ. ಫುರಿನಾಳನ್ನು 90ನೆಯ ಹಂತಕ್ಕೆ ಒಯ್ಯಲು ಲೇಕ್‌ಲೈಟ್ ಲಿಲಿ ಎಂಬ ಹೂ 168 ಬೇಕು. ಕಿತ್ತ ಹೂ ಮತ್ತೆ ಅರಳಲು ಎರಡು ದಿನ. ಬಾಸ್ ಎಂಬ ದೊಡ್ಡ ಶತ್ರುವನ್ನು ಸೋಲಿಸಿದರೆ ಸಿಗುವ ವಸ್ತು 46 ಬೇಕು, ಅದನ್ನು ಪಡೆಯಲು ಎಂಟು ನಿಮಿಷಕ್ಕೊಂದರಂತೆ ತಾನಾಗಿ ತುಂಬುವ ರೆಸಿನ್ ಎಂಬ ಅಂಕ ಖರ್ಚಾಗುತ್ತದೆ. ತೀರ್ಮಾನ ಆಗುವ ಮೊದಲೇ ನಾನು ಹೂ ಕೀಳುತ್ತಿದ್ದೆ, ಅದಕ್ಕೆ ರೆಸಿನ್ ಬೇಕಿಲ್ಲವಲ್ಲ. ಅಮಾವಾಸ್ಯೆಯ ಲಕ್ಷ್ಮೀಪೂಜೆಗೆ ಅಪ್ಪ ಅಂಗಡಿಯ ಖಾತೆ ಪುಸ್ತಕಗಳನ್ನು ಜೋಡಿಸುವಾಗ ನನ್ನ ಪುಸ್ತಕವೂ ಅವರ ಕೈಗೆ ಸಿಕ್ಕಿತು. "ಇದ್ಯಾರ ಬಾಕಿನೋ, 148?" ಎಂದು ಕೇಳಿದರು. ನಂದ ಐತ್ರೀ, ಅಂದೆ. ಕುಂಕುಮ ಹಚ್ಚಿ ಅದನ್ನೂ ಸಾಲಿನಲ್ಲಿ ಇಟ್ಟರು.

ನವೆಂಬರ್ 25ರ ಹೊತ್ತಿಗೆ ಇನ್ನೂ 19 ಸೇರಿ 151 ಆಗಿತ್ತು. ಅಂದರೆ ಎಷ್ಟೇ ಕೆಟ್ಟದಾದರೂ ಕೆಲಸ ಪೂರೈಸುವಷ್ಟು. ಪುಲ್ ಮಾಡುವ ಮೊದಲು ಪುಟದ ತುದಿಯಲ್ಲಿ ಒಂದು ಸಾಲು ಬರೆದೆ: ಒಬ್ಬಳು ಬಂದೊಡನೆ ನಿಲ್ಲಿಸುವುದು, ಎರಡನೆಯ ಪ್ರತಿಗೆ ಹೋಗುವುದಿಲ್ಲ, ಆಯುಧದ ಬ್ಯಾನರ್ ಮುಟ್ಟುವುದಿಲ್ಲ. ಇದನ್ನು ಮೊದಲೇ ಬರೆಯಬೇಕು. ಗೆದ್ದ ಹುಮ್ಮಸ್ಸಿನಲ್ಲಿ ಬರೆಯುವ ನಿಯಮಗಳು ಬೇರೆಯೇ ಇರುತ್ತವೆ.

ಹತ್ತರ ಬದಲು ಒಂದೊಂದಾಗಿಯೇ ಪುಲ್ ಮಾಡಿದೆ, ಏಕೆಂದರೆ ಹತ್ತರ ಗುಚ್ಛದಲ್ಲಿ ಮೂರನೆಯದಕ್ಕೇ ಪಾತ್ರ ಬಂದರೂ ಉಳಿದ ಏಳು ಖರ್ಚಾಗಿಯೇ ಹೋಗುತ್ತವೆ. 45ನೆಯ ಪುಲ್‌ಗೆ, ಎಣಿಕೆಯಲ್ಲಿ 77ಕ್ಕೆ, ಚಿನ್ನದ ಬೆಳಕು ಹರಿಯಿತು; ಬಂದವಳು ಚಿಚಿ. ಫೋನಿನಲ್ಲಿದ್ದ ಚಿಕ್ಕಪ್ಪನ ಮಗ "ಹೋತು, ನಿಲ್ಲಸಣ್ಣಾ" ಎಂದ. ಆದರೆ 106 ಉಳಿದಿತ್ತು, ಇನ್ನು ಗರಿಷ್ಠ 90 ಸಾಕು, ಮತ್ತು ಈ ಸಲ ಪಣವೇ ಇಲ್ಲ. ಸೋಲು ಮೊದಲೇ ಲೆಕ್ಕದಲ್ಲಿದ್ದುದರಿಂದ ಮುಂದುವರಿಯಲು ಧೈರ್ಯವೇನೂ ಬೇಕಾಗಲಿಲ್ಲ. 63ನೆಯದಕ್ಕೆ ಫುರಿನಾ ಬಂದಳು.

43 ಉಳಿದವು, ಪುಲ್‌ಗಳ ಜೊತೆ ಸಿಕ್ಕ ಸ್ಟಾರ್‌ಗ್ಲಿಟರ್ ಕೊಟ್ಟು ಪಡೆದದ್ದು ಇನ್ನೂ 5. ಕೈ ಆಯುಧದ ಬ್ಯಾನರ್‌ನತ್ತ ಹೋಗಲಿಲ್ಲವೆಂದರೆ ಸುಳ್ಳಾಗುತ್ತದೆ. ಆಗಿನ ನಿಯಮದಂತೆ ಬೇಕಾದ ಆಯುಧವೇ ಖಚಿತವಾಗಿ ಸಿಗಲು ಗರಿಷ್ಠ 240 ಪುಲ್ ಬೇಕಾಗುತ್ತಿತ್ತು. 2024ರ ಆಗಸ್ಟ್‌ನ 5.0ನೆಯ ಆವೃತ್ತಿಯಲ್ಲಿ ಅದು 160ಕ್ಕೆ ಇಳಿಯಿತು, ಫಿಫ್ಟಿ-ಫಿಫ್ಟಿಯೂ ಆಟಗಾರನ ಕಡೆಗೆ ತುಸು ವಾಲಿತು. ಆದ್ದರಿಂದ ಇಂದು ಲೆಕ್ಕ ಹಾಕುವವರು ನನ್ನ ಕೆಲವು ಸಂಖ್ಯೆಗಳನ್ನು ತಿದ್ದಿಕೊಳ್ಳಬೇಕು. 48 ಇಟ್ಟುಕೊಂಡು 240ರ ಬಾಗಿಲು ತಟ್ಟುವುದು ನನ್ನ ಪುಸ್ತಕದ ಪ್ರಕಾರ ಯೋಯಿಮಿಯಾಳ ಕಥೆಯೇ.

ಫೊಂಟೈನ್‌ನಲ್ಲಿ ಮೀನು ಹಿಡಿದು ಕೊಟ್ಟರೆ ಒಂದು ನಾಲ್ಕು ನಕ್ಷತ್ರದ ಕತ್ತಿ ಸಿಗುತ್ತದೆ. ಶಕ್ತಿ ತುಂಬುವುದನ್ನು ಹೆಚ್ಚಿಸುವ ಅದು ಫುರಿನಾಳಿಗೆ ಚೆನ್ನಾಗಿ ಹೊಂದುತ್ತದೆ. ಮುಂದಿನ ನಾಲ್ಕು ಸಂಜೆ ಅಂಗಡಿ ಮುಚ್ಚಿ ಬಂದು ಗಾಳ ಹಾಕಿಕೊಂಡು ಕುಳಿತೆ. ಮುಂದೆ ಬರಲಿರುವ ಪಾತ್ರಕ್ಕೆಂದು ಪುಸ್ತಕದಲ್ಲಿ ಹೊಸ ಪುಟ ತಿರುವಿ ಬರೆದೆ: ಪುಲ್ 48, ಎಣಿಕೆ 0, ಗ್ಯಾರಂಟಿ ಇಲ್ಲ, ನವಿಯಾ, ಡಿಸೆಂಬರ್ 20.