ಮೈಕಿನಿಂದ ಪುಸ್ತಕದವರೆಗೆ: ಫ್ರಾನ್ಸಿನಲ್ಲಿ ರೇಡಿಯೊ, ಟೀವಿ ಪತ್ರಕರ್ತರಾಗುವ ದಾರಿ

ರೇಡಿಯೊದಲ್ಲಿ ಹೆಸರು ಮಾಡಿ, ಟೀವಿಗೆ ಬಂದು, ಜೊತೆಗೆ ಪುಸ್ತಕವನ್ನೂ ಬರೆಯುವುದು ಫ್ರಾನ್ಸಿನಲ್ಲಿ ಹಳೆಯ ರೂಢಿ. ಜಾಕ್ ಶಾನ್ಸೆಲ್ 1968ರಲ್ಲಿ ಫ್ರಾನ್ಸ್ ಆಂತೆರ್ ಬಾನುಲಿಯಲ್ಲಿ ‘ರಾದಿಯೊಸ್ಕೊಪಿ’ ಎಂಬ ದೀರ್ಘ ಸಂದರ್ಶನಗಳನ್ನು ಆರಂಭಿಸಿದರು. 1972ರಲ್ಲಿ ಟೀವಿಗೆ ದೊಡ್ಡ ಕಾರ್ಯಕ್ರಮವೊಂದನ್ನು ತಂದ ಮೇಲೂ ರೇಡಿಯೊ ಬಿಡಲಿಲ್ಲ, ಪುಸ್ತಕಗಳೂ ಬರುತ್ತಲೇ ಇದ್ದವು. ಈ ದಾರಿ ಹಿಡಿಯುವವರು ದನಿ, ಮುಖ, ಭಾಷೆಯ ಬಗ್ಗೆ ತಲೆ ಕೆಡಿಸಿಕೊಳ್ಳುತ್ತಾರೆ. ಮೊದಲು ನೋಡಬೇಕಾದದ್ದು ಬೇರೆ: ಬಂದ ಹಣ ಯಾವ ಕಾಗದದ ಮೇಲೆ ಬಂತು? ಸಂಬಳದ ಚೀಟಿಯೋ, ಲೇಖಕರ ಹಕ್ಕಿನ ಹಣವೋ, ಬರೀ ಬಿಲ್ಲೋ? ಪ್ರೆಸ್ ಕಾರ್ಡು (ವೃತ್ತಿಪತ್ರಕರ್ತರ ಗುರುತಿನ ಚೀಟಿ), ಕೆಲಸ ಬಿಟ್ಟಾಗಿನ ಪರಿಹಾರ, ತೆರಿಗೆ ಎಲ್ಲವೂ ಇದರ ಮೇಲೆಯೇ ನಿಂತಿವೆ.

ಶಾಲೆ

ವೃತ್ತಿಯವರೇ ಮಾನ್ಯ ಮಾಡಿರುವ ಪತ್ರಿಕೋದ್ಯಮ ಶಾಲೆಗಳು 14 ಇವೆ. 1924ರಲ್ಲಿ ಶುರುವಾದ ಲೀಲ್‌ನ ಇಎಸ್‌ಜೆ, 1946ರ ಪ್ಯಾರಿಸ್‌ನ ಸಿಎಫ್‌ಜೆ ಇವುಗಳಲ್ಲಿ ಹಳೆಯವು. ಸ್ಟ್ರಾಸ್‌ಬೂರ್, ಬೋರ್ದೋ, ತುಲೂಸ್, ಗ್ರೆನೋಬ್ಲ್, ತೂರ್, ಮಾರ್ಸೇಯಲ್ಲೂ ಇವೆ. ಮಾನ್ಯತೆ ಕೊಡುವುದು ಮಾಲೀಕರ ಸಂಘಗಳೂ ಪತ್ರಕರ್ತರ ಸಂಘಗಳೂ ಸಮವಾಗಿ ಕೂರುವ ಜಂಟಿ ಸಮಿತಿ. ಎಡವುವುದು ಇಲ್ಲೇ. ‘ಸರ್ಕಾರ ಮಾನ್ಯ ಮಾಡಿದ ಡಿಪ್ಲೊಮಾ’ ಎಂದು ಜಾಹೀರಾತು ಹಾಕಿ ದುಬಾರಿ ಶುಲ್ಕ ಕೇಳುವ ಖಾಸಗಿ ಶಾಲೆಗಳು ಬೇಕಾದಷ್ಟಿವೆ. ಸರ್ಕಾರದ ಮಾನ್ಯತೆ ಬೇರೆ, ವೃತ್ತಿಯ ಮಾನ್ಯತೆ ಬೇರೆ. ಶುಲ್ಕ ಕಟ್ಟುವ ಮುಂಚೆ ಆ 14ರ ಪಟ್ಟಿಯಲ್ಲಿ ಹೆಸರಿದೆಯೇ ನೋಡಿ.

ಹೆಚ್ಚಿನ ಶಾಲೆಗಳು ಮೂರು ವರ್ಷದ ಪದವಿಯ ನಂತರ ಸ್ಪರ್ಧಾ ಪರೀಕ್ಷೆ ನಡೆಸಿ ಸೇರಿಸಿಕೊಳ್ಳುತ್ತವೆ. ಫ್ರಾನ್ಸಿನ ಬ್ರಿಟನಿ ಪ್ರಾಂತ್ಯದ ಲಾನಿಯೋಂ ಶಾಲೆಗೆ ಪಿಯುಸಿ ಮಟ್ಟದ ಶಿಕ್ಷಣ ಮುಗಿದ ಕೂಡಲೇ ಅರ್ಜಿ ಹಾಕಬಹುದು. ಕೊನೆಯ ವರ್ಷಗಳನ್ನು ‘ಆಲ್ತೆರ್ನಾಂಸ್’ ಪದ್ಧತಿಯಲ್ಲಿ, ಅಂದರೆ ಒಂದಷ್ಟು ದಿನ ತರಗತಿ, ಒಂದಷ್ಟು ದಿನ ಸುದ್ದಿಮನೆ ಎಂಬಂತೆ ಮಾಡುವ ಅವಕಾಶವಿದ್ದರೆ ಬಿಡಬೇಡಿ. ಶುಲ್ಕ ಸಂಸ್ಥೆಯ ಕಡೆಯಿಂದ ಹೋಗುತ್ತದೆ, ನಿಮಗೆ ಸಂಬಳವೂ ಬರುತ್ತದೆ, ಮುಖ್ಯವಾಗಿ ಸಂಬಳದ ಚೀಟಿಗಳು ಸೇರತೊಡಗುತ್ತವೆ. ಮಾನ್ಯ ಶಾಲೆ ಸಿಗದಿದ್ದರೆ ಬಾಗಿಲು ಮುಚ್ಚಿತೆಂದಲ್ಲ. ಕಾರ್ಡು ಇರುವವರಲ್ಲಿ ಈ ಶಾಲೆಗಳಿಂದ ಬಂದವರೇ ಕಡಿಮೆ. ಆದರೆ ದೊಡ್ಡ ಕೇಂದ್ರಗಳು ಹೊಸಬರನ್ನು ಆರಿಸಲು ನಡೆಸುವ ಸ್ಪರ್ಧೆಗಳು ಬಹುಪಾಲು ಆ ಶಾಲೆಗಳ ವಿದ್ಯಾರ್ಥಿಗಳಿಗೇ ಮೀಸಲು.

ಮೊದಲ ಕೆಲಸ ಪ್ಯಾರಿಸ್ಸಿನ ಹೊರಗೆ

ರೇಡಿಯೊ ಫ್ರಾನ್ಸ್ ಸಂಸ್ಥೆಗೆ 44 ಸ್ಥಳೀಯ ಕೇಂದ್ರಗಳಿವೆ. ‘ಫ್ರಾನ್ಸ್ ಬ್ಲ’ ಎಂದಿದ್ದ ಈ ಜಾಲಕ್ಕೆ 2025ರ ಜನವರಿಯಿಂದ ‘ಇಸಿ’ ಎಂದು ಹೆಸರು. ಹೊಸಬರನ್ನು ಒಂದು ಪಟ್ಟಿಗೆ ಸೇರಿಸಿ, ರಜೆ ಹಾಕಿದವರ ಜಾಗಕ್ಕೆ ಈ ವಾರ ಲಿಮೋಜ್, ಮುಂದಿನ ವಾರ ಒಸೇರ್ ಎಂದು ಕಳಿಸುತ್ತಾರೆ. ಸುದ್ದಿಮನೆಯಲ್ಲಿ ಇದಕ್ಕೆ ‘ಪ್ಲಾನಿಂಗ್’ ಎನ್ನುತ್ತಾರೆ. ಅಲೆದಾಟ ಕಷ್ಟವೇ. ಆದರೆ ಬೆಳಿಗ್ಗೆ ಆರರ ವಾರ್ತೆ ಓದಿ, ಹತ್ತಕ್ಕೆ ರೈತರ ಪ್ರತಿಭಟನೆಗೆ ಹೋಗಿ, ಮಧ್ಯಾಹ್ನ ಜಾಲತಾಣಕ್ಕೆ ಬರೆಯುವ ಕೆಲಸ ಪ್ಯಾರಿಸ್ಸಿನಲ್ಲಿ ಹೊಸಬರಿಗೆ ಯಾರೂ ಕೊಡುವುದಿಲ್ಲ. ಕಾರು ಓಡಿಸುವ ಲೈಸೆನ್ಸ್ ಮೊದಲೇ ಮಾಡಿಸಿಕೊಳ್ಳಿ. ದನಿ ಚೆನ್ನಾಗಿದ್ದೂ ಲೈಸೆನ್ಸ್ ಇಲ್ಲದೆ ಹಳ್ಳಿಗಾಡಿನ ಕೇಂದ್ರಗಳಲ್ಲಿ ಅವಕಾಶ ತಪ್ಪುತ್ತದೆ.

ಕಾಯಂ ಕೆಲಸ ಸಿಗುವವರೆಗೆ ಬಹುತೇಕರು ಬಿಡಿ ವರದಿಗೆ ಇಷ್ಟು ಎಂದು ಹಣ ಪಡೆಯುವ ‘ಪಿಜ್’ ಪದ್ಧತಿಯಲ್ಲಿ ದುಡಿಯುತ್ತಾರೆ. 1974ರ ಕಾನೂನಿನ ಪ್ರಕಾರ ವೃತ್ತಿಪತ್ರಕರ್ತರು ಬಿಡಿ ಕೆಲಸಕ್ಕೆ ಪಡೆದ ಹಣವನ್ನೂ ಸಂಬಳವೆಂದೇ ಭಾವಿಸಬೇಕು. ಕೆಲವು ಸಂಸ್ಥೆಗಳು ‘ಸ್ವಂತ ಉದ್ಯಮ ನೋಂದಾಯಿಸಿ ಬಿಲ್ಲು ಕೊಡಿ’ ಎನ್ನುತ್ತವೆ. ಒಪ್ಪಿಕೊಂಡರೆ ಕೈಗೆ ಬರುವ ಮೊತ್ತ ತುಸು ಹೆಚ್ಚಿರಬಹುದು, ಕಾರ್ಡಿನ ಅರ್ಜಿ ಮಾತ್ರ ಅಲ್ಲೇ ಕುಸಿಯುತ್ತದೆ.

ಪ್ರೆಸ್ ಕಾರ್ಡು

1935ರ ಮಾರ್ಚ್ 29ರ ಕಾನೂನಿನಿಂದ ಹುಟ್ಟಿದ ಆಯೋಗ ಕಾರ್ಡು ಕೊಡುತ್ತದೆ. ಇದರಲ್ಲೂ ಮಾಲೀಕರ ಮತ್ತು ಪತ್ರಕರ್ತರ ಪ್ರತಿನಿಧಿಗಳು ಸಮಸಂಖ್ಯೆಯಲ್ಲಿರುತ್ತಾರೆ. ಮೊದಲ ಅರ್ಜಿಗೆ ಕನಿಷ್ಠ ಮೂರು ತಿಂಗಳು ಸತತವಾಗಿ ಪತ್ರಕರ್ತರಾಗಿ ದುಡಿದಿರಬೇಕು, ಆದಾಯದ ಅರ್ಧಕ್ಕಿಂತ ಹೆಚ್ಚು ಪತ್ರಿಕಾ ಕೆಲಸದಿಂದ ಬಂದಿರಬೇಕು. ಬಿಡಿ ಕೆಲಸದವರಾದರೆ ತಿಂಗಳಿಗೆ ಕನಿಷ್ಠ ವೇತನದ ಅರ್ಧದಷ್ಟಾದರೂ ಸಂಪಾದನೆ ತೋರಿಸುವುದು ರೂಢಿ. ಮೊದಲು ಸಿಗುವುದು ತರಬೇತಿಯವರ ಕಾರ್ಡು. ಅದು ಎರಡು ವರ್ಷ, ಮಾನ್ಯ ಶಾಲೆಯಿಂದ ಬಂದವರಿಗೆ ಒಂದೇ ವರ್ಷ.

ಅರ್ಜಿ ತಿರಸ್ಕಾರವಾಗುವುದು ಹೆಚ್ಚಾಗಿ ಜೊತೆಗಿನ ಕೆಲಸದಿಂದ. ಕಂಪನಿಯ ಸಭೆ ನಿರೂಪಣೆ, ಪುರಸಭೆಯ ಪ್ರಚಾರ ಪತ್ರಿಕೆ, ಸಂಪರ್ಕಾಧಿಕಾರಿ ಕೆಲಸ ಇವು ಪತ್ರಿಕೋದ್ಯಮದ ಲೆಕ್ಕಕ್ಕೆ ಬರುವುದಿಲ್ಲ. ಪುಸ್ತಕದ ಗೌರವಧನವೂ ಸಂಬಳವಲ್ಲ. ಒಂದು ವರ್ಷ ಪುಸ್ತಕ ಜೋರಾಗಿ ಮಾರಾಟವಾಗಿ ಆ ಹಣ ಸಂಬಳವನ್ನು ಮೀರಿದರೆ ನವೀಕರಣದ ವೇಳೆ ವಿವರಣೆ ಕೊಡಬೇಕಾದೀತು. ಪತ್ರಕರ್ತರಿಗೆ ತೆರಿಗೆಯಲ್ಲಿ 7,650 ಯೂರೊ ವಿನಾಯಿತಿ ಇದೆ, 2019ರಿಂದ ಅದು ವರ್ಷಕ್ಕೆ 93,510 ಯೂರೊ ಒಟ್ಟು ಆದಾಯ ಮೀರದವರಿಗೆ ಮಾತ್ರ.

ಕಿವಿಗೆ ಬರೆಯುವುದು

ಹೊತ್ತು ಹಾಕಬೇಕಾದ ಜಾಗ ಇದು. ಫ್ರೆಂಚಿನಲ್ಲಿ ಸಾಧಾರಣ ವೇಗದ ಓದು ಸೆಕೆಂಡಿಗೆ ಮೂರು ಪದ, ನಿಮಿಷಕ್ಕೆ ಸುಮಾರು 180. ಜಾಗವೂ ಸೇರಿ 60 ಅಕ್ಷರದ ಒಂದು ಸಾಲಿಗೆ 4 ಸೆಕೆಂಡಿನ ಲೆಕ್ಕ ಹಾಕಿದರೆ 15 ಸಾಲು ಒಂದು ನಿಮಿಷ. ವರದಿಗಾರರು ಬರೀ ತಮ್ಮ ದನಿಯಲ್ಲಿ ಓದುವ ‘ಪಾಪಿಯೇ’ 45 ಸೆಕೆಂಡಿನಿಂದ ಒಂದು ನಿಮಿಷ. ನಡುನಡುವೆ ಜನರ ಮಾತಿನ ತುಣುಕು ಸೇರಿಸಿ ಹೆಣೆಯುವ ‘ಆಂರೋಬೆ’ ಒಂದೂಕಾಲು ನಿಮಿಷ.

ಆಂರೋಬೆಗೆ ಈ ಅಳತೆ ಇಟ್ಟುಕೊಂಡು ಅಭ್ಯಾಸ ಮಾಡಿ: ನಿಮ್ಮ ಮಾತು 15 ಸೆಕೆಂಡು, ಮೊದಲ ತುಣುಕು 20, ಮತ್ತೆ ನೀವು 15, ಎರಡನೇ ತುಣುಕು 15, ಮುಕ್ತಾಯ 10. ಒಟ್ಟು 75. ತುಣುಕು 25 ಸೆಕೆಂಡು ದಾಟಿದರೆ ಕೇಳುಗರಿಗೆ ಮಾತನಾಡುತ್ತಿರುವವರು ಯಾರೆಂಬುದೇ ಮರೆತುಹೋಗುತ್ತದೆ.

ಮಾಹಿತಿಯನ್ನು ನೀವು ಹೇಳಿ. ಸಿಟ್ಟು, ಅಳಲು, ಅನುಮಾನ ತುಣುಕಿನಲ್ಲಿ ಬರಲಿ. ಕಾರ್ಖಾನೆಯಲ್ಲಿ ಎಷ್ಟು ಮಂದಿ ಕೆಲಸ ಕಳೆದುಕೊಂಡರು ಎಂಬುದನ್ನು ಕಾರ್ಮಿಕ ನಾಯಕರ ಬಾಯಿಂದ ಹೇಳಿಸಿ 12 ಸೆಕೆಂಡು ಕಳೆಯುವ ಬದಲು ನೀವೇ ಮೂರು ಸೆಕೆಂಡಿನಲ್ಲಿ ಹೇಳಬಹುದು. ಒಂದು ವರದಿಗೆ ಎರಡು ಅಂಕಿ ಸಾಕು, ಅವೂ ಉರುಟಾಗಿ: 48.7 ಶೇಕಡಾ ಅಲ್ಲ, ‘ಸುಮಾರು ಅರ್ಧ’. ಹುದ್ದೆ ಮೊದಲು, ಹೆಸರು ಆಮೇಲೆ.

ಹೊಸಬರಲ್ಲಿ ದಿನಾ ಕಾಣುವ ತಪ್ಪು ‘ಲಾಂಸ್‌ಮಾಂ’ನದು, ಅಂದರೆ ವರದಿಗೆ ಮುಂಚೆ ನಿರೂಪಕರು ಓದುವ ಪೀಠಿಕೆಯದು. ವರದಿಯ ಮೊದಲ ವಾಕ್ಯವನ್ನೇ ಪೀಠಿಕೆಯಲ್ಲೂ ಬರೆದುಕೊಟ್ಟರೆ ಒಂದೇ ಮಾತು ಎರಡು ಸಲ ಕೇಳಿಸುತ್ತದೆ. ಬರೀ ಪೀಠಿಕೆ ಓದಿ ನಿಲ್ಲಿಸಿ, ಸುದ್ದಿ ಏನೆಂದು ತಿಳಿಯಿತೇ ನೋಡಿ. ಆಮೇಲೆ ಪೀಠಿಕೆಯಲ್ಲಿಲ್ಲದ ದೃಶ್ಯವೋ ಸದ್ದೋ ವರದಿಯ ಮೊದಲ ಸಾಲಾಗಲಿ.

ಮೈಕು ಬಾಯಿಂದ ಒಂದು ಗೇಣು, ತುಸು ಓರೆಯಾಗಿ ಇರಲಿ. ನೇರ ಹಿಡಿದರೆ ‘ಪ’, ‘ಬ’ ಅಕ್ಷರಗಳು ಗುದ್ದುತ್ತವೆ. ಹೊರಗೆ ಸ್ಪಂಜಿನ ಹೊದಿಕೆ ಸಾಲದು, ಗಾಳಿಯಿದ್ದರೆ ತುಪ್ಪಳದ್ದು ಬೇಕು. ಸಂದರ್ಶನ ಮುಗಿದ ಮೇಲೆ ಅದೇ ಜಾಗದಲ್ಲಿ ಯಾರೂ ಮಾತಾಡದ 30 ಸೆಕೆಂಡಿನ ಸದ್ದನ್ನು ಹಿಡಿದುಕೊಳ್ಳಿ. ಸಂಕಲನದಲ್ಲಿ ಕತ್ತರಿಸಿದ ಕಡೆ ಹೊಲಿಗೆ ಕಾಣದಂತೆ ಮುಚ್ಚುವುದು ಅದೇ. ರೆಕಾರ್ಡಿಂಗ್ ಮಟ್ಟ ಮೈನಸ್ 12 ಡೆಸಿಬೆಲ್ ಆಸುಪಾಸಿನಲ್ಲಿರಲಿ. ಸದ್ದು ಮಿತಿ ಮೀರಿ ಒಡೆದರೆ ರಿಪೇರಿ ಇಲ್ಲ.

ಕ್ಯಾಮರಾ ಮುಂದೆ

ಟೀವಿ ವರದಿ ಸಾಮಾನ್ಯವಾಗಿ ಒಂದೂವರೆ ನಿಮಿಷ. ಅದರಲ್ಲಿ ಜನರ ಮಾತಿಗೆ 30 ಸೆಕೆಂಡು ಬಿಟ್ಟರೆ ಉಳಿಯುವುದು 60. ರೇಡಿಯೊದಿಂದ ಬಂದವರು ಅರವತ್ತನ್ನೂ ಮಾತಿನಿಂದ ತುಂಬಿಬಿಡುತ್ತಾರೆ. 45 ಸೆಕೆಂಡಿಗೆ, ಅಂದರೆ 135 ಪದಕ್ಕೆ ಬರೆದು ಉಳಿದದ್ದನ್ನು ಸ್ಥಳದ ಸದ್ದಿಗೆ ಬಿಡಿ. ಚಿತ್ರದಲ್ಲಿ ಮಳೆ ಕಾಣುತ್ತಿರುವಾಗ ಮಳೆ ಬರುತ್ತಿದೆ ಎನ್ನಬೇಡಿ. ಎಷ್ಟನೇ ದಿನದ ಮಳೆ ಎಂಬುದನ್ನು ಹೇಳಿ.

ತಾವೇ ಚಿತ್ರೀಕರಿಸುವ ವರದಿಗಾರರಿಗೆ ‘ಜೆಆರ್‌ಐ’ ಎನ್ನುತ್ತಾರೆ, ಹೊಸಬರಿಗೆ ಕೆಲಸ ಸುಲಭವಾಗಿ ಸಿಗುವುದೂ ಇಲ್ಲೇ. ಪ್ರತಿ ಚಿತ್ರಿಕೆಯನ್ನೂ ಹತ್ತು ಸೆಕೆಂಡು ಅಲುಗಿಸದೆ ಹಿಡಿಯಿರಿ. ದೂರ, ನಡು, ಹತ್ತಿರ ಮೂರೂ ಬೇಕು. ಕೈ, ಕಣ್ಣು, ಗಡಿಯಾರದಂಥ ಬಿಡಿ ಚಿತ್ರಗಳಿಲ್ಲದಿದ್ದರೆ ಸಂದರ್ಶನವನ್ನು ಎಲ್ಲಿ ಕತ್ತರಿಸಿದರೂ ತಲೆ ನೆಗೆದಂತೆ ಕಾಣುತ್ತದೆ. ಸಿದ್ಧ ಕಾರ್ಯಕ್ರಮದ ಸರಾಸರಿ ಧ್ವನಿಮಟ್ಟ ಮೈನಸ್ 23 ಎಲ್‌ಯುಎಫ್‌ಎಸ್ (ಕಿವಿಗೆ ಕೇಳಿಸುವ ಜೋರನ್ನು ಅಳೆಯುವ ಮಾನ) ಇರಬೇಕು, ಇಲ್ಲದಿದ್ದರೆ ವಾಹಿನಿಯ ತಾಂತ್ರಿಕ ವಿಭಾಗ ವಾಪಸು ಕಳಿಸುತ್ತದೆ.

ರಾಜಕಾರಣಿಗಳ ಮಾತಿನ ಲೆಕ್ಕವನ್ನೂ ಮರೆಯುವಂತಿಲ್ಲ. 2022ರ ಜನವರಿ 1ರಿಂದ ಪ್ರಸಾರ ನಿಯಂತ್ರಣ ಆರ್ಕೋಂ ಎಂಬ ಸಂಸ್ಥೆಯ ಕೈಯಲ್ಲಿದೆ. ಚುನಾವಣೆಯಿಲ್ಲದ ದಿನಗಳಲ್ಲಿ ರಾಜಕೀಯ ಮಾತಿನ ಸಮಯದಲ್ಲಿ ಮೂರನೇ ಒಂದು ಭಾಗ ರಾಷ್ಟ್ರಾಧ್ಯಕ್ಷರು ಮತ್ತು ಸರ್ಕಾರಕ್ಕೆ, ಉಳಿದದ್ದು ಪಕ್ಷಗಳಿಗೆ ಅವುಗಳ ಬಲಕ್ಕೆ ತಕ್ಕಂತೆ.

ಕಾನೂನು

1881ರ ಜುಲೈ 29ರ ಪತ್ರಿಕಾ ಕಾನೂನು ಇಂದಿಗೂ ಜಾರಿಯಲ್ಲಿದೆ. ಮಾನಹಾನಿ ದೂರಿಗೆ ಸಾಮಾನ್ಯವಾಗಿ ಪ್ರಸಾರವಾದ ದಿನದಿಂದ ಮೂರು ತಿಂಗಳ ಗಡುವು. ದಾವೆ ಬಂದರೆ, ಹೇಳಿದ್ದು ನಿಜವೆಂದು ಸಾಬೀತುಪಡಿಸುವ ದಾಖಲೆ, ಸಾಕ್ಷಿಗಳ ಪಟ್ಟಿ ಕೊಡಲು ನೋಟಿಸು ತಲುಪಿದ ದಿನದಿಂದ ಹತ್ತು ದಿನ ಮಾತ್ರ. ಹತ್ತು ದಿನದಲ್ಲಿ ಹಳೆಯ ಟಿಪ್ಪಣಿ ಹುಡುಕಿ ಮುಗಿಯುವುದಿಲ್ಲ. ಆದ್ದರಿಂದ ಕತ್ತರಿಸದ ಮೂಲ ಧ್ವನಿ, ದೃಶ್ಯ, ಪತ್ರಗಳನ್ನು ಪ್ರಸಾರದ ದಿನವೇ ಒಂದೆಡೆ ಜೋಡಿಸಿಡಿ. ಶಿಕ್ಷೆಯಾಗದ ಆರೋಪಿಯ ಕೈಕೋಳ ಕಾಣುವ ಚಿತ್ರವನ್ನು ಅವರ ಒಪ್ಪಿಗೆಯಿಲ್ಲದೆ ತೋರಿಸುವುದನ್ನು 2000ದ ಜೂನ್ 15ರ ಕಾನೂನು ನಿಷೇಧಿಸಿದೆ. ಮೂಲಗಳ ಗುಟ್ಟಿಗೆ 2010ರ ಜನವರಿ 4ರ ಕಾನೂನಿನ ರಕ್ಷಣೆ ಇದೆ.

ಮಾಲೀಕರು ಬದಲಾದಾಗ ಪತ್ರಕರ್ತರು ತಾವೇ ಕೆಲಸ ಬಿಟ್ಟರೂ ಪರಿಹಾರ ಪಡೆಯಬಹುದು. ಮೊದಲ 15 ವರ್ಷದ ಸೇವೆಗೆ ವರ್ಷಕ್ಕೆ ಕನಿಷ್ಠ ಒಂದು ತಿಂಗಳ ಸಂಬಳ, 15 ವರ್ಷ ಮೀರಿದ ಸೇವೆಗೆ ಎಷ್ಟೆಂಬುದನ್ನು ಮಧ್ಯಸ್ಥಿಕೆ ಆಯೋಗ ನಿರ್ಧರಿಸುತ್ತದೆ. ಸುದ್ದಿಸಂಸ್ಥೆಯ ಧೋರಣೆಯೇ ಗಮನಾರ್ಹವಾಗಿ ತಿರುಗಿ ಗೌರವಕ್ಕೆ ಧಕ್ಕೆಯಾದರೂ ಇದೇ ಹಕ್ಕು. ಸಿಟ್ಟಿನಲ್ಲಿ ಬರೀ ರಾಜೀನಾಮೆ ಬರೆದುಕೊಟ್ಟವರು ಇದನ್ನು ಕಳೆದುಕೊಳ್ಳುವ ಅಪಾಯವಿದೆ. ಪತ್ರದಲ್ಲಿ ಈ ಹಕ್ಕು ಕೊಡುವ ಕಾನೂನಿನ ಕಲಮನ್ನೇ ಕಾಣಿಸಿ.

ನಿರೂಪಕರ ವರ್ಷ ಆಗಸ್ಟ್ ಕೊನೆಗೆ ಶುರುವಾಗಿ ಜೂನ್ ಕೊನೆಗೆ ಮುಗಿಯುತ್ತದೆ. ಮುಂದಿನ ಋತುವಿನ ಕಾರ್ಯಕ್ರಮಗಳ ತೀರ್ಮಾನ ಹೆಚ್ಚಾಗಿ ಮೇ, ಜೂನ್‌ನಲ್ಲೇ ಆಗುವುದರಿಂದ ಜುಲೈನಲ್ಲಿ ಪ್ರಸ್ತಾವ ಹಿಡಿದು ಹೋದರೆ ಯಾರೂ ಸಿಗುವುದಿಲ್ಲ.

ಪುಸ್ತಕ

ಒಪ್ಪಂದಕ್ಕೆ ಸಹಿ ಹಾಕುವ ಮುಂಚೆ ಉದ್ಯೋಗದಾತರಿಗೆ ಲಿಖಿತವಾಗಿ ತಿಳಿಸಿ. ಪತ್ರಕರ್ತರ ಸಾಮೂಹಿಕ ಒಪ್ಪಂದದ 7ನೇ ಕಲಮಿನಂತೆ ಹೊರಗಿನ ಕೆಲಸವನ್ನು ಮುಂಚಿತವಾಗಿ ತಿಳಿಸಬೇಕು, ಟೀವಿ ಒಪ್ಪಂದದಲ್ಲಿ ಬೇರೆ ಕಡೆ ದುಡಿಯಬಾರದೆಂಬ ಷರತ್ತೂ ಇರಬಹುದು. ಪ್ರಸಾರಕ್ಕೆಂದು ಹಿಡಿದ ಧ್ವನಿಯನ್ನು ಪುಸ್ತಕಕ್ಕೆ ಬಳಸುವುದಾದರೆ ಸಂಸ್ಥೆಯ ಒಪ್ಪಿಗೆ, ಮಾತನಾಡಿದವರ ಒಪ್ಪಿಗೆ ಎರಡನ್ನೂ ಕಾಗದದಲ್ಲಿ ಪಡೆಯಿರಿ. ಪ್ರಸಾರವಾದ ಮಾತುಗಳನ್ನು ಹಾಗೆಯೇ ಅಚ್ಚಿಗಿಳಿಸಿದ ಪುಸ್ತಕಗಳು ಓದುವಾಗ ಒಣಗಿರುತ್ತವೆ. ದನಿಯ ಏರಿಳಿತ ಹೊತ್ತಿದ್ದ ಅರ್ಥವನ್ನು ಪುಟದ ಮೇಲೆ ವಾಕ್ಯವೇ ಹೊರಬೇಕಾಗುತ್ತದೆ.

ಲೆಕ್ಕ ಹೀಗೆ. 1981ರ ಆಗಸ್ಟ್ 10ರ ಕಾನೂನಿನಂತೆ ಪುಸ್ತಕದ ಬೆಲೆ ನಿಗದಿ ಮಾಡುವುದು ಪ್ರಕಾಶಕರು, ಅಂಗಡಿಯವರು ಹೊಸ ಪುಸ್ತಕಕ್ಕೆ ಶೇ. 5ಕ್ಕಿಂತ ಹೆಚ್ಚು ರಿಯಾಯಿತಿ ಕೊಡುವಂತಿಲ್ಲ. ಲೇಖಕರ ಪಾಲು ತೆರಿಗೆ ಕಳೆದ ಬೆಲೆಯ ಮೇಲೆ. 20 ಯೂರೊ ಪುಸ್ತಕದಲ್ಲಿ ಶೇ. 5.5 ತೆರಿಗೆ ತೆಗೆದರೆ 18.96, ಅದರಲ್ಲಿ ಶೇ. 10 ಎಂದರೆ ಪ್ರತಿಗೆ ಸುಮಾರು 1.90 ಯೂರೊ. ಪ್ರಕಾಶಕರು 5,000 ಯೂರೊ ಮುಂಗಡ ಕೊಟ್ಟಿದ್ದರೆ ಸುಮಾರು 2,640 ಪ್ರತಿ ಮಾರಾಟವಾಗುವವರೆಗೆ ಹೊಸದಾಗಿ ಒಂದು ಕಾಸೂ ಬರುವುದಿಲ್ಲ. ಅಂಗಡಿಗಳಿಗೆ ಕಳಿಸಿದ ಪ್ರತಿಗಳ ಸಂಖ್ಯೆಯನ್ನು ಮಾರಾಟವೆಂದು ತಿಳಿಯಬೇಡಿ. ಮಾರದ ಪ್ರತಿಗಳು ತಿಂಗಳುಗಳ ನಂತರ ಹಿಂದಿರುಗುತ್ತವೆ. ಅದಕ್ಕಾಗಿ ಪ್ರಕಾಶಕರು ಒಂದಷ್ಟು ಹಣ ತಡೆಹಿಡಿಯುತ್ತಾರೆ. ಎಷ್ಟು, ಎಲ್ಲಿಯವರೆಗೆ ಎಂಬುದು ಒಪ್ಪಂದದಲ್ಲಿರಲಿ. ಲೆಕ್ಕಪತ್ರ ವರ್ಷಕ್ಕೆ ಒಮ್ಮೆಯಾದರೂ ಕೊಡಬೇಕು, ಡಿಜಿಟಲ್ ಪ್ರತಿಯ ಹಕ್ಕುಗಳಿಗೆ ಒಪ್ಪಂದದಲ್ಲೇ ಪ್ರತ್ಯೇಕ ಭಾಗ ಇರಬೇಕು.

ಈ ಹಣದ ಸಾಮಾಜಿಕ ಭದ್ರತೆಯ ವಂತಿಗೆ ಸಂಬಳದ ಜೊತೆ ಸೇರುವುದಿಲ್ಲ. ಅದನ್ನು ನೋಡುವುದು 2019ರಿಂದ ಉರ್ಸಾಫ್ ಲಿಮೂಸೇಂ ಎಂಬ ವಂತಿಗೆ ಸಂಗ್ರಹ ಕಚೇರಿ. ರೇಡಿಯೊ, ಟೀವಿ ಸಾಕ್ಷ್ಯಚಿತ್ರಗಳ ಹಕ್ಕಿನ ಹಣಕ್ಕೆ 1981ರಲ್ಲಿ ಹುಟ್ಟಿದ ‘ಸ್ಕಾಂ’ ಸಂಘದ ಸದಸ್ಯತ್ವ, ಗ್ರಂಥಾಲಯಗಳಲ್ಲಿ ಎರವಲು ಹೋಗುವ ಪುಸ್ತಕದ ಹಣಕ್ಕೆ ‘ಸೋಫಿಯಾ’ ಸಂಘದ್ದು. ಎರಡಕ್ಕೂ ಅರ್ಜಿಯನ್ನು ನೀವೇ ಹಾಕಬೇಕು. ಸ್ಕಾಂಗೆ ಪ್ರತಿ ಕಾರ್ಯಕ್ರಮವನ್ನೂ ಪ್ರಸಾರದ ದಿನಾಂಕ, ಅವಧಿ ಸಹಿತ ಘೋಷಿಸಬೇಕು. ಪ್ರಸಾರವಾದ ವಾರವೇ ಬರೆದಿಟ್ಟುಕೊಳ್ಳದಿದ್ದರೆ ವರ್ಷದ ಕೊನೆಗೆ ನಿಮಿಷ, ಸೆಕೆಂಡು ಯಾರಿಗೂ ನೆನಪಿರುವುದಿಲ್ಲ.